ಸಾಯದ ಹಾಗೆ ಮಾಡಿಕೊಡು

ಶಾಲೆಯಲ್ಲಿ ಪಾಠ ಹೇಳಿ ಬಂದು ಚಪ್ಪಲಿ ಕಳಚುತ್ತಿದ್ದಾಗಲೇ ಸ್ಮೃತಿಗೆ ಮನೆಯಲ್ಲಿ ಏನೋ ಎಡವಟ್ಟಾಗಿದೆ ಅನ್ನಿಸಿತು. ಮನೆ ತೀರ ಸುಮ್ಮನಿತ್ತು. ಬಸವೇಶ್ವರನಗರದ ಆ ಮನೆ ಸಂಜೆ ಹೊತ್ತಿನಲ್ಲಿ ಸುಮ್ಮನಿದ್ದು ತಿಂಗಳುಗಳೇ ಆಗಿದ್ದವು. ಅವಳ ಅಪ್ಪ ನಾಣಿರಾಯರು ಕಿಟಕಿ ಪಕ್ಕದ ಕುರ್ಚಿಯಲ್ಲಿ ಕೂತು, ಅಂಗೈಯಗಲದ ವಿಡಿಯೋ ಗೇಮನ್ನು ಮೂಗಿಗೆ ತಾಗುವಷ್ಟು ಹತ್ತಿರ ಹಿಡಿದು, ಅದರೊಳಗಿನ ಹಳದಿ ಪೇಟದ ಅಂಚೆಯವನಿಗೆ ಬಾಯಿಗೆ ಬಂದ ಹಾಗೆ ಬೈಯುತ್ತಿರಬೇಕಿತ್ತು. "ಹಾರೋ ಮಂಕೇ! ಹಳ್ಳ ಕಾಣಲ್ವಾ ನಿಂಗೆ?" ಅನ್ನುವ ಕೂಗು ಗೇಟಿನಾಚೆಗೂ ಕೇಳಬೇಕಿತ್ತು.

ಇವತ್ತು ಗೇಮು ಟೀಪಾಯಿಯ ಮೇಲೆ ಮಗುಚಿ ಬಿದ್ದಿತ್ತು. ರಾಯರು ಗೋಡೆ ನೋಡುತ್ತಿದ್ದರು. ಬಲಗೈ ಯಾರೋ ಇಟ್ಟು ಮರೆತು ಹೋದ ಸಾಮಾನಿನ ಹಾಗೆ ತೊಡೆಯ ಮೇಲಿತ್ತು. ಪಂಚೆಯ ಮೇಲೆ ಕಾಫಿ ಚೆಲ್ಲಿದ ಕಲೆ ಇನ್ನೂ ಒಣಗಿರಲಿಲ್ಲ.

"ಯಾಕಪ್ಪಾ, ಆಡ್ತಾ ಇಲ್ವಾ?"

"ಮುಗೀತು."

"ಏನು ಮುಗೀತು?"

"ಆಟ. ಅಂಚೆ ಎಲ್ಲಾ ಹಂಚಿ ಆಯ್ತು. ರಾಜ ಬಂದು ಹಾರ ಹಾಕ್ದ. ಸಂತೋಷಾನಾ?"

ಸ್ಮೃತಿ ನಂಬಲಿಲ್ಲ. ನಿನ್ನೆಯವರೆಗೂ ಅಪ್ಪ ಮೂರನೇ ಊರಿನ ಮುರುಕು ಸೇತುವೆ ದಾಟಲಾರದೆ ಒದ್ದಾಡುತ್ತಿದ್ದರು. ಅದರಾಚೆ ಇನ್ನೂ ಏಳೆಂಟು ಊರುಗಳಿದ್ದವು.

ಈ ಆಟ ಮನೆಗೆ ಬಂದದ್ದೇ ಒಂದು ಕಥೆ. ಶಿವರಾತ್ರಿ ಆದ ಮೇಲೆ ರಾಯರಿಗೆ ಪಾರ್ಶ್ವವಾಯು ಬಡಿದು ಬಲಗೈ ಬಿದ್ದುಹೋಯಿತು. ಕಾಲು ಬೇಗ ಹಾದಿಗೆ ಬಂತು, ಮಾತು ಬಂತು, ಕೋಪವಂತೂ ಎಲ್ಲಕ್ಕಿಂತ ಮೊದಲು ಬಂತು. ಕೈ ಮಾತ್ರ ಬರಲಿಲ್ಲ. ಫಿಸಿಯೋಥೆರಪಿಗೆ ಬರುತ್ತಿದ್ದ ಸಂಪತ್, "ಬೆರಳು, ಅದರಲ್ಲೂ ಹೆಬ್ಬೆರಳು, ದಿನಾ ಕೆಲಸ ಮಾಡ್ಬೇಕು ಸಾರ್, ಇಲ್ದಿದ್ರೆ ಹಾಗೇ ಗಟ್ಟಿಯಾಗ್ಬಿಡತ್ತೆ" ಎಂದು ಒಂದು ರಬ್ಬರ್ ಚೆಂಡು ಕೊಟ್ಟುಹೋದ. ರಾಯರು ಅದನ್ನು ಎಡಗೈಯಲ್ಲಿ ತೆಗೆದುಕೊಂಡು ಮಂಚದ ಕೆಳಗೆ ಎಸೆದರು. ಮೂವತ್ತು ವರ್ಷ ರಾಜಾಜಿನಗರದ ಕೈಗಾರಿಕಾ ವಸಾಹತುವಿನ ಒಂದು ಕಾರ್ಖಾನೆಯಲ್ಲಿ ಬಿಡಿಭಾಗ ತಪಾಸಣೆ ಮಾಡಿ, ಕೂದಲೆಳೆಯಷ್ಟು ಹೆಚ್ಚುಕಡಿಮೆಯಾದದ್ದನ್ನೆಲ್ಲ ಪಕ್ಕಕ್ಕೆಸೆದ ಮನುಷ್ಯ. ಈಗ ಮಗುವಿನ ಹಾಗೆ ಚೆಂಡು ಹಿಸುಕುತ್ತ ಕೂರುವುದೆಂದರೆ ಅವರಿಗೆ ಮೈಯೆಲ್ಲ ಉರಿಯುತ್ತಿತ್ತು.

ಆಗ ಸ್ಮೃತಿಯೇ ಡಾ. ರಾಜ್‌ಕುಮಾರ್ ರಸ್ತೆಯ ಅಂಗಡಿಯೊಂದರಿಂದ ಹಳೆಯ ಆಟಗಳನ್ನು ತುಂಬಿಕೊಟ್ಟಿದ್ದ ಈ ಅಗ್ಗದ ಗೇಮನ್ನು ತಂದು, ಏನೂ ಹೇಳದೆ ಟೀಪಾಯಿಯ ಮೇಲಿಟ್ಟಳು. ಎಡ ಹೆಬ್ಬೆರಳಿನಿಂದ ಅಂಚೆಯವನನ್ನು ನಡೆಸಬೇಕು, ಬಲ ಹೆಬ್ಬೆರಳಿನಿಂದ ಗುಂಡಿ ಒತ್ತಿ ಹಾರಿಸಬೇಕು. ಅಷ್ಟೇ ಆಟ. ಮೊದಲ ಹಳ್ಳಕ್ಕೇ ಬಿದ್ದು ಸತ್ತಾಗ ರಾಯರು ಅದನ್ನೊಂದು ಅವಮಾನವೆಂದೇ ತೆಗೆದುಕೊಂಡರು. ಅಲ್ಲಿಂದ ಶುರುವಾಯಿತು. ದಿನವಿಡೀ ಬೀಳುವುದು, ಸಾಯುವುದು, ಬೈಯುವುದು. ಅವರಿಗೇ ಗೊತ್ತಿಲ್ಲದ ಹಾಗೆ ಹೆಬ್ಬೆರಳು ಅಲುಗಾಡತೊಡಗಿತು. ಆಮೇಲೆ ತೋರುಬೆರಳು. ಹೋದ ವಾರ ಬಲಗೈಯಲ್ಲಿ ಪೇಪರಿನ ಹಾಳೆ ಮಗುಚಿದ್ದರು. ಸ್ಮೃತಿ ಬಚ್ಚಲುಮನೆಗೆ ಹೋಗಿ ಕಣ್ಣೊರೆಸಿಕೊಂಡು ಬಂದಿದ್ದಳು.

ರಾಯರಿಗೆ ಬೇಕಾಗಿದ್ದದ್ದು ಒಂದೇ. ಬಲಗೈಯಲ್ಲಿ ಕಲಸಿ ಊಟ ಮಾಡಬೇಕು. ಕೆಂಗೇರಿ ಉಪನಗರದಲ್ಲಿರುವ ತಂಗಿಯ ಮನೆಯಲ್ಲಿ ಮುಂದಿನ ತಿಂಗಳು ಅವಳ ಮೊಮ್ಮಗನ ಉಪನಯನ. "ಪಂಕ್ತೀಲಿ ಎಲೆ ಮುಂದೆ ಚಮಚ ಹಿಡ್ಕೊಂಡು ಕೂರಲ್ಲ, ಹೆಂಡತಿ ಕೈಯಲ್ಲಿ ತುತ್ತು ತಿನ್ನಿಸ್ಕೊಂಡೂ ಕೂರಲ್ಲ. ಕೈ ಬಂದ್ರೆ ಬರ್ತೀನಿ, ಇಲ್ದಿದ್ರೆ ಇಲ್ಲ" ಎಂದು ತಂಗಿಗೆ ಫೋನಿನಲ್ಲೇ ಖಡಾಖಂಡಿತವಾಗಿ ಹೇಳಿದ್ದರು. ಕೈ ಬಂದೇ ಬರುತ್ತದೆ ಎಂದು ಸ್ಮೃತಿಗೆ ಧೈರ್ಯ ಬಂದಿತ್ತು. ಈ ಆಟ ನಿಲ್ಲದಿದ್ದರೆ ಸಾಕಿತ್ತು.

"ಹೇಗಪ್ಪಾ ಮುಗೀತು? ಸೇತುವೆ ದಾಟಿದ್ಯಾ?"

"ದಾಟ್ದೆ. ಒಂದೇ ಏಟಿಗೆ. ಆಮೇಲಿನ ಮೊಸಳೆ ಹೊಂಡಾನೂ ದಾಟ್ದೆ. ಕೈ ಬಂತು ಅಂದ್ಕೊಂಡೆ ಕಣೇ." ರಾಯರು ಗೋಡೆಯಿಂದ ಕಣ್ಣು ತೆಗೆಯಲಿಲ್ಲ. "ನಿಮ್ಮಮ್ಮ ಕಾಫಿ ತಂದ್ಲು. ಲೋಟಾನ ಬಲಗೈಯಲ್ಲಿ ಎತ್ತಿದೆ. ಬಿತ್ತು. ಆಗ ಅನುಮಾನ ಬಂತು. ಮತ್ತೆ ಆಡಿದೆ, ಗುಂಡಿ ಒತ್ತದೇನೇ. ಆ ಬೆಪ್ಪ ಗಾಳಿ ಮೇಲೆ ನಡ್ಕೊಂಡು ಹೋದ. ಹಳ್ಳ ಇದ್ದರೂ ಬೀಳಲಿಲ್ಲ, ಮೊಸಳೆ ಕಚ್ಚಿದ್ರೂ ಸಾಯಲಿಲ್ಲ. ನಾನು ಬರೀ ಎಡಗೈಲಿ ಮುಂದಕ್ಕೆ ಒತ್ತಿ ಹಿಡ್ಕೊಂಡಿದ್ದೆ, ಕೊನೇವರೆಗೂ."

ಸ್ಮೃತಿಯ ಪಿತ್ತ ನೆತ್ತಿಗೇರಿತು. ಇಂಥ ಉಪದ್ವ್ಯಾಪ ಮಾಡಬಲ್ಲವನು ಈ ವಂಶದಲ್ಲಿ ಒಬ್ಬನೇ ಇದ್ದ. ಅವಳ ತಮ್ಮ ಮಧ್ವೇಶ. ಶ್ರೀಗಂಧದ ಕಾವಲಿನಲ್ಲಿ ಮನೆ ಮಾಡಿಕೊಂಡು, ಯಾರ ಫೋನು, ಯಾರ ಟೀವಿ, ಯಾರ ರೂಟರು ಕೈಗೆ ಸಿಕ್ಕರೂ ಬಿಚ್ಚಿ 'ಸರಿ' ಮಾಡುವವನು. ನಿನ್ನೆ ಅವಳು ಟ್ಯೂಷನ್ ಹೇಳಿಕೊಡಲು ಹೋಗಿದ್ದಾಗ ಬಂದುಹೋಗಿದ್ದ.

ಅವಳು ಅಡುಗೆಮನೆಗೆ ನುಗ್ಗಿದಳು. ಅಮ್ಮ ಅನಂತಲಕ್ಷ್ಮಿ ಹುರುಳಿಕಾಯಿ ಮುರಿಯುತ್ತಿದ್ದವರು ತಲೆಯೆತ್ತಲಿಲ್ಲ. ತಪ್ಪು ಮಾಡಿದವರು ಹೀಗೆಯೇ ಹುರುಳಿಕಾಯಿಯನ್ನು ಅಷ್ಟೊಂದು ಗಮನ ಕೊಟ್ಟು ಮುರಿಯುವುದು.

"ಅಮ್ಮಾ, ಮಧು ಅದಕ್ಕೇನು ಮಾಡ್ದ?"

"ಅವನದೇನೂ ತಪ್ಪಿಲ್ಲ ಕಣೇ. ನಾನೇ ಹೇಳಿದ್ದು."

"ಏನಂತ?"

"ಸಾಯದ ಹಾಗೆ ಮಾಡಿಕೊಡೋ ಅಂತ."

ಸ್ಮೃತಿ ಬಾಗಿಲಿಗೆ ಒರಗಿ ನಿಂತಳು. ಅನಂತಲಕ್ಷ್ಮಿಗೆ ಈಗ ಮಾತು ಕಟ್ಟೆಯೊಡೆಯಿತು. "ದಿನಾ ಸಾಯಂಕಾಲ ನಾನು ದೇವರ ಮುಂದೆ ದೀಪ ಹಚ್ಚೋ ಹೊತ್ತಿಗೆ ಸರಿಯಾಗಿ ಈ ಮನುಷ್ಯ ಅಲ್ಲಿ ಕೂತು 'ಸತ್ತೆ, ಮತ್ತೆ ಸತ್ತೆ, ಥೂ, ಇನ್ನೊಂದ್ಸಲ ಸತ್ತೆ' ಅಂತಾರೆ. ಮುಸ್ಸಂಜೇಲಿ ಅಸ್ತು ದೇವತೆಗಳು ಓಡಾಡ್ತಿರ್ತಾರೆ. ಯಾರಾದ್ರೂ ಅಸ್ತು ಅಂದ್ಬಿಟ್ರೆ? ಆಸ್ಪತ್ರೆ ಹೊರಗಡೆ ಬೆಂಚಿನ ಮೇಲೆ ಕೂತಿದ್ದೋಳು ನಾನು, ನೀನಲ್ಲ. ನಂಗೆ ಆ ಮಾತು ಕೇಳಕ್ಕಾಗಲ್ಲ ಕಣೇ. ಬೈದೆ, ಕೇಳಲಿಲ್ಲ. ಕಿವೀಲಿ ಹತ್ತಿ ಇಟ್ಕೊಂಡೆ. ಕೊನೆಗೆ ಮಧು ಹತ್ರ ಹೇಳ್ದೆ. ಅದೇನು ಮಹಾ, ಹತ್ತು ನಿಮಿಷದ ಕೆಲಸ ಅಂದ."

ಕೂಗಾಡಬೇಕೆಂದೇ ಬಂದಿದ್ದ ಸ್ಮೃತಿಗೆ ಎಲ್ಲಿಂದ ಶುರುಮಾಡಬೇಕೆಂದು ತಿಳಿಯಲಿಲ್ಲ. ಸಾವಿಗೆ ಹೆದರಿದವರ ಮೇಲೆ ಹೇಗೆ ಹಾರಾಡುವುದು? ಆದರೆ ಹಾರಾಡದೆ ಇರುವುದೂ ಹೇಗೆ? ಅವಳು ಹಣೆ ಹಣೆ ಚಚ್ಚಿಕೊಂಡಳು. ಆ ಸಿಟ್ಟನ್ನೆಲ್ಲ ಫೋನಿನಲ್ಲಿ ಮಧ್ವೇಶನ ಮೇಲೆ ಸುರಿದಳು.

ಮರುದಿನ ಭಾನುವಾರ. ಮಧ್ವೇಶ ಲ್ಯಾಪ್‌ಟಾಪ್ ಹಿಡಿದುಕೊಂಡು ಬಂದ. ರಾಯರು ತಿಂಡಿ ಮುಗಿಸಿ ಮಲಗಿದ್ದರು. ಬೆಳಗಿನಿಂದ ಗೇಮನ್ನು ಮುಟ್ಟಿರಲಿಲ್ಲ. ಉಪ್ಪಿಟ್ಟನ್ನೂ ಎಡಗೈಯಲ್ಲಿ ಚಮಚ ಹಿಡಿದೇ ತಿಂದಿದ್ದರು, ಅದೂ ಅರ್ಧ.

"ಅಕ್ಕಾ, ನೀನು ಸುಮ್ನೆ ಓವರ್ ಆಗಿ ಆಡ್ತೀಯ. ಎಲ್ರೂ ಚೀಟ್ ಹಾಕ್ಕೊಂಡೇ ಆಡೋದು," ಎಂದು ಮಧ್ವೇಶ ಗೇಮಿನ ಮೆಮೊರಿ ಕಾರ್ಡು ತೆಗೆದು ಲ್ಯಾಪ್‌ಟಾಪಿಗೆ ಸಿಕ್ಕಿಸಿದ. "ಬೀಳದೇ ಇರೋಕೆ ಒಂದು ಕೋಡು, ಸಾಯದೇ ಇರೋಕೆ ಇನ್ನೊಂದು. ಎರಡೂ ಆಫ್ ಮಾಡ್ದೆ, ನೋಡು. ಆಯ್ತಲ್ಲ?"

"ಅಪ್ಪ ಮೂರನೇ ಊರಲ್ಲಿದ್ರು. ಅಲ್ಲಿಗೆ ವಾಪಸ್ ಹೋಗೋದು ಹೇಗೆ?"

"ಅದು... ಸೇವ್ ಫೈಲ್‌ನೂ ಎಡಿಟ್ ಮಾಡಿದ್ದೆ. ಎಲ್ಲಾ ಊರೂ ಓಪನ್ ಮಾಡಿ, ಪ್ರಾಣ ಎಲ್ಲಾ ಫುಲ್ ಮಾಡಿಟ್ಟೆ."

"ಹಳೇದು ಕಾಪಿ ಇಟ್ಕೊಂಡಿದೀಯ ತಾನೆ?"

ಮಧ್ವೇಶ ಕತ್ತು ಕೆರೆದುಕೊಂಡ. "ಫುಲ್ಲೇ ಮಾಡಿದ್ಮೇಲೆ ಹಳೇದು ಯಾಕೆ ಅಂತ..."

"ಅಪ್ಪ ಅಷ್ಟು ದಿನ ಒದ್ದಾಡಿದ್ದು ಕಣೋ ಅದು! ಕಸ ಅಂದ್ಕೊಂಡ್ಯಾ?"

"ಕೂಗ್ಬೇಡ ಮಾರಾಯ್ತಿ, ಎದ್ಬಿಡ್ತಾರೆ. ಇಲ್ಲಿ ನೋಡು, ಕೈಯಲ್ಲೇ ತುಂಬಬಹುದು." ಅವನು ಪರದೆಯನ್ನು ಅವಳತ್ತ ತಿರುಗಿಸಿದ. ಸೇವ್ ಎಡಿಟರ್‌ನಲ್ಲಿ ಅಪ್ಪನ ಆಟವೆಲ್ಲ ಒಂದಷ್ಟು ಖಾನೆಗಳಾಗಿ ಕೂತಿತ್ತು. ಯಾವ ಊರು, ಎಷ್ಟು ಕಾಗದ, ಎಷ್ಟು ಪ್ರಾಣ, ಅಂದರೆ ಇನ್ನೆಷ್ಟು ಸಲ ಸಾಯಬಹುದು. ಅಳಿಸಿ ಬೇರೆ ಬರೆದರೆ ಮುಗಿಯಿತು. ಇಷ್ಟು ಸುಲಭವೇ ಎಂದು ಸ್ಮೃತಿಗೆ ಅಸಹ್ಯವಾಯಿತು.

ಅವಳು ತಮ್ಮನನ್ನು ಪಕ್ಕಕ್ಕೆ ಸರಿಸಿ ತಾನೇ ಕೂತಳು. ಊರಿನ ಖಾನೆಯಲ್ಲಿ ಮೂರು ಎಂದು ಬರೆದಳು. ಪ್ರಾಣದ ಖಾನೆಗೆ ಬಂದಾಗ ಬೆರಳು ನಿಂತಿತು. ಅಪ್ಪನ ಬಳಿ ಉಳಿದಿದ್ದದ್ದು ಎರಡು. ಎರಡು ಪ್ರಾಣ ಹಿಡಿದುಕೊಂಡು ಆ ಸೇತುವೆಗೆ ಮತ್ತೆ ಹೋಗಿ, ಬಿದ್ದು, ಮನಸ್ಸು ಮುರಿದು, ಗೇಮನ್ನು ಮತ್ತೆ ಮಗುಚಿಟ್ಟರೆ? ನಿನ್ನೆ ಅವರು ಗೋಡೆ ನೋಡುತ್ತ ಕೂತಿದ್ದ ಮುಖ ಕಣ್ಣೆದುರು ಬಂತು. ಸ್ಮೃತಿ ಏಳು ಎಂದು ಒತ್ತಿ, ಕಾರ್ಡನ್ನು ಗೇಮಿಗೆ ಸೇರಿಸಿದಳು.

ಮಧ್ಯಾಹ್ನದ ಊಟಕ್ಕೆ ಮೊದಲು ಅವಳೇ ಅಪ್ಪನ ಕೈಗೆ ಕೊಟ್ಟಳು. "ಅಪ್ಪಾ, ಕೋಡೆಲ್ಲ ತೆಗೆಸಿದೀನಿ. ಇನ್ಮೇಲೆ ಬಿದ್ರೆ ಬೀಳ್ತಾನೆ. ನೀನು ಎಲ್ಲಿದ್ಯೋ ಅಲ್ಲೇ ಇದೆ."

ರಾಯರು ಅನುಮಾನದಿಂದಲೇ ತೆಗೆದುಕೊಂಡರು. ಅನಂತಲಕ್ಷ್ಮಿ ತಟ್ಟೆ ಹಾಕುತ್ತಿದ್ದವರು ನಿಂತರು. ಮಧ್ವೇಶ ಫೋನು ನೋಡುವ ಹಾಗೆ ಮಾಡಿದ. ಪರದೆ ಬೆಳಗಿತು, ಹಳದಿ ಪೇಟದವನು ಸೇತುವೆಯ ಬುಡದಲ್ಲಿ ನಿಂತಿದ್ದ. ರಾಯರ ಮುಖ ಒಂದು ಗಳಿಗೆ ಅರಳಿತು. ಆಮೇಲೆ ಅವರ ದೃಷ್ಟಿ ಪರದೆಯ ಮೇಲಿನ ಮೂಲೆಗೆ ಹೋಗಿ ಅಲ್ಲೇ ನಿಂತಿತು.

"ಪ್ರಾಣ ಏಳಿದೆ."

ರಾಯರು ಎಡಗೈ ಬೆರಳಿನಿಂದ ಆ ಅಂಕಿಯನ್ನು ತೋರಿಸಿದರು.

"ನನ್ನತ್ರ ಎರಡಿತ್ತು. ಉಳಿದಿದ್ದು ಯಾರು ಹಾಕಿದ್ದು?"

ಮಧ್ವೇಶ ಬಾಯಿ ತೆರೆದ. ತಪ್ಪನ್ನು ತನ್ನ ಮೇಲೆ ಹಾಕಿಕೊಳ್ಳುವುದಕ್ಕೇ ಇರಬೇಕು, ಪಾಪ. ಆದರೆ ರಾಯರು ಅವನ ಕಡೆ ನೋಡಲೇ ಇಲ್ಲ. ಮಗಳನ್ನೇ ನೋಡುತ್ತಿದ್ದರು.

"ನಾನೇ ಅಪ್ಪಾ," ಎಂದಳು ಸ್ಮೃತಿ.

"ನಿಮ್ಮಮ್ಮಂಗೆ ಹೆದರಿಕೆ. ಇವನಿಗೆ ಬುದ್ಧಿ ಇಲ್ಲ. ಅವರದು ಬಿಡು." ರಾಯರ ದನಿ ಏರಲಿಲ್ಲ. ಏರಿದ್ದರೆ ಅವಳಿಗೆ ಎಷ್ಟೋ ಹಗುರಾಗುತ್ತಿತ್ತು. "ನೀನೂನಾ?"

ಸ್ಮೃತಿಗೆ ಕಪಾಳಕ್ಕೆ ಹೊಡೆದ ಹಾಗಾಯಿತು. ನಿನ್ನೆಯಿಂದ ಅಮ್ಮ, ತಮ್ಮ ಇಬ್ಬರ ಮೇಲೂ ಸಿಟ್ಟಿನಿಂದ ಕುದಿದಿದ್ದಳು. ತನ್ನ ಕೈಗೆ ಖಾನೆ ಸಿಕ್ಕ ಕೂಡಲೇ ತಾನು ಮಾಡಿದ್ದೂ ಅದನ್ನೇ. ಚಿಕ್ಕವಳಿದ್ದಾಗ ಚೌಕಾಬಾರ ಆಡಲು ಕೂತರೆ ಅಪ್ಪ ಒಂದು ಸಲವಾದರೂ ಬೇಕೆಂದು ಸೋತಿರಲಿಲ್ಲ. ಅವಳು ಅತ್ತು ಕರೆದು ರಂಪ ಮಾಡಿದರೂ, "ಗೆಲ್ಲೋದಾದ್ರೆ ನೀನೇ ಗೆಲ್ಲು" ಎಂದು ಅವಳ ಕಾಯಿ ಕಡಿದು ಹಾಕುತ್ತಿದ್ದರು. ಅಂಥವರಿಗೆ ಅವಳು ಐದು ಪ್ರಾಣ ದಾನ ಮಾಡಿದ್ದಳು.

ರಾಯರು ಬಲ ಹೆಬ್ಬೆರಳನ್ನು ಎಳೆದು ತಂದು ಗುಂಡಿಯ ಮೇಲಿಟ್ಟರು. ಒಂದೊಂದೇ ಪಟ್ಟಿ ದಾಟಿ ಆಟದ ಮೊದಲ ಪುಟಕ್ಕೆ ಹೋದರು. 'ಹಳೆಯದನ್ನು ಅಳಿಸಿ ಹೊಸದಾಗಿ ಶುರುಮಾಡಬೇಕೆ?' ಎಂದು ಪರದೆ ಇಂಗ್ಲಿಷಿನಲ್ಲಿ ಕೇಳಿತು.

"ಅಪ್ಪಾ, ಬೇಡ! ಎರಡೇ ಮಾಡ್ಕೊಡ್ತೀನಿ. ಈಗಲೇ ಮಾಡ್ಕೊಡ್ತೀನಿ."

"ನೀನು ಮಾಡ್ಕೊಟ್ರೆ ಅದು ನಂದಾಗಲ್ಲ ಕಣೇ."

ಹೆಬ್ಬೆರಳು ನಡುಗಿತು, ಜಾರಿತು, ಮತ್ತೆ ಬಂದು ಕೂತಿತು. ರಾಯರು ಹಲ್ಲು ಕಚ್ಚಿ ಒತ್ತಿದರು. ಸೇತುವೆ ಹೋಯಿತು, ಮೂರು ಊರೂ ಹೋದವು. ಅಂಚೆಯವನು ಮತ್ತೆ ಮೊದಲ ಹಳ್ಳದ ಮುಂದೆ ನಿಂತ. ರಾಯರು ಗೇಮನ್ನು ಟೀಪಾಯಿಯ ಮೇಲೆ ಇಟ್ಟು, "ಊಟ ಹಾಕು" ಎಂದು ಎದ್ದರು.

ಅನಂತಲಕ್ಷ್ಮಿ ದಿನದ ಹಾಗೆ ಅನ್ನ ಬಡಿಸಿ, ಸಾರು ಸುರಿದು, ತುಪ್ಪ ಹಾಕಿ, ತಾವೇ ಕಲಸಲು ಕೈ ಚಾಚಿದರು. ರಾಯರು ಎಡಗೈಯಿಂದ ತಟ್ಟೆಯನ್ನು ತಮ್ಮತ್ತ ಎಳೆದುಕೊಂಡರು. ಪಕ್ಕದಲ್ಲಿದ್ದ ಚಮಚವನ್ನು ಎತ್ತಿ ಮಧ್ವೇಶನ ತಟ್ಟೆಯ ಮೇಲೆ ಇಟ್ಟರು. ಬಲಗೈಯನ್ನು ಮೇಜಿನ ಅಂಚಿಗೆ ತಂದು, ಅಲ್ಲಿಂದ ಮೇಲೆತ್ತಿ, ಬಿಸಿ ಅನ್ನದೊಳಗೆ ಇಳಿಸಿದರು.

ಬೆರಳುಗಳು ಮಡಚಲಿಲ್ಲ. ಅನ್ನ ಅತ್ತಿಂದಿತ್ತ ಸರಿಯಿತೇ ಹೊರತು ಕಲೆಯಲಿಲ್ಲ. ಎತ್ತಿದ ಮೊದಲ ತುತ್ತು ಬಾಯಿಗೆ ಬರುವ ಮೊದಲೇ ಪಂಚೆಯ ಮೇಲೆ ಬಿತ್ತು. ಎರಡನೆಯದು ಮೇಜಿನ ಮೇಲೆ ಬಿತ್ತು. ಸಾರು ಮುಂಗೈಯಿಂದ ಮೊಣಕೈಯವರೆಗೆ ಹರಿಯಿತು. ಅನಂತಲಕ್ಷ್ಮಿಯ ಕೈ ತಾನಾಗಿಯೇ ಮುಂದಕ್ಕೆ ಹೋಯಿತು. ಸ್ಮೃತಿ ಮೇಜಿನ ಕೆಳಗೆ ಆ ಕೈಯನ್ನು ಗಟ್ಟಿಯಾಗಿ ಹಿಡಿದುಕೊಂಡಳು. ಅಮ್ಮ ಬಿಡಿಸಿಕೊಳ್ಳಲು ಎಳೆದರು, ಅವಳು ಬಿಡಲಿಲ್ಲ. ಮಧ್ವೇಶ ತಟ್ಟೆ ಮುಂದಿಟ್ಟುಕೊಂಡು ತಲೆತಗ್ಗಿಸಿ ಕೂತಿದ್ದ.

ಮೂರನೆಯ ಸಲ ರಾಯರು ತಾವೇ ಬಗ್ಗಿದರು. ಕೈ ಅರ್ಧ ದಾರಿ ಬಂತು, ಬಾಯಿ ಅರ್ಧ ದಾರಿ ಹೋಯಿತು. ನಾಲ್ಕು ಅಗುಳು ಒಳಗೆ ಹೋದವು, ಉಳಿದದ್ದು ಗಲ್ಲಕ್ಕೆ ಮೆತ್ತಿಕೊಂಡಿತು. ಅವರು ನಿಧಾನವಾಗಿ ಅಗಿದು ನುಂಗಿ ತಲೆಯೆತ್ತಿದರು. ಮೂವರೂ ಮುಟ್ಟದ ತಟ್ಟೆಗಳ ಮುಂದೆ ಕೂತು ತಮ್ಮನ್ನೇ ನೋಡುತ್ತಿರುವುದು ಕಾಣಿಸಿತು.

"ಏನು ಪಿಳಿಪಿಳಿ ನೋಡ್ತೀರ?" ಎಂದು ರಾಯರು ಗದರಿದರು. "ನಿಮ್ಮ ಕೈಗೇನಾಗಿದೆ? ತಿನ್ನಿ."