ಕಹಳೆಯ ಈಚೆ ತುದಿ

ಮಗಳು ಏನೋ ಹೇಳಿದಳು. ಅಷ್ಟರಲ್ಲಿ ತಾಯಿ ಎರಡೂ ಕಿವಿಗೆ ಹತ್ತಿ ತುರುಕಿಕೊಂಡಾಗಿತ್ತು. ಬಾಗಿಲಲ್ಲಿ ನಿಂತು ಆ ಪುಟ್ಟ ತುಟಿಗಳು ಆಡುವುದನ್ನು ನೋಡಿದಳು, ತಲೆಯಾಡಿಸಿದಳು. ಹೂಂ ಎನ್ನಬೇಕಾದ ಮಾತೋ ಉಹೂಂ ಎನ್ನಬೇಕಾದ್ದೋ ಗೊತ್ತಾಗಲಿಲ್ಲ. ಮಗಳು ಸರ್ರನೆ ಒಳಗೆ ಹೋದ ರೀತಿ ನೋಡಿದರೆ ಉತ್ತರ ತಪ್ಪಿರಬೇಕು.

ಹತ್ತಿ ತೆಗೆದು ಕೇಳಬಹುದಿತ್ತು. ತೆಗೆಯಲಿಲ್ಲ. ಆಲಿಸುವವರು ಕೆಲಸಕ್ಕೆ ಕೂರುವ ಮುಂಚೆ ಕಿವಿಯನ್ನು ಸಲ್ಲದ್ದಕ್ಕೆ ಖರ್ಚು ಮಾಡಬಾರದು. ಅವಳು ಕೆಲಸ ಮಾಡುವ ಶ್ರವಣಾಲಯದ ನಿಯಮ.

ನಿಯಮ ಅವಳಿಗಷ್ಟೇ ಇದ್ದದ್ದು ಮೆಲ್ಲಗೆ ಮನೆಗೆಲ್ಲ ಹಬ್ಬಿತ್ತು. ಕುಕ್ಕರ್ ಅಟ್ಟ ಸೇರಿತು. ಕುರ್ಚಿಗಳ ಕಾಲಿಗೆ ಬಟ್ಟೆ ಕಟ್ಟಿದರು. ಸೀನು ಬಂದರೆ ಗಂಡ ಬಚ್ಚಲಿಗೆ ಓಡುತ್ತಿದ್ದ. ಒಮ್ಮೆ ಶಾಲೆಯ ಟೀಚರು ಕರೆಸಿ, ನಿಮ್ಮ ಮಗಳ ಗಂಟಲಿಗೇನಾದರೂ ತೊಂದರೆಯಾ ಎಂದು ವಿಚಾರಿಸಿದ್ದರು. ಇಲ್ಲ, ನಾವು ಬೆಳೆಸಿದ್ದೇ ಹಾಗೆ ಎಂದು ಗಂಡ ಹೇಳಿದ್ದ. ಅದು ಹೆಮ್ಮೆ ಎಂದು ಆಗ ಅಂದುಕೊಂಡಿದ್ದಳು.

ಇಷ್ಟೆಲ್ಲ ಒಂದು ನಕ್ಷತ್ರಕ್ಕಾಗಿ. ಆ ನಕ್ಷತ್ರ ಎರಡು ತಿಂಗಳಿಂದ ಕೇಳಿಸುತ್ತಿರಲಿಲ್ಲ. ಅದನ್ನು ಅವಳು ಯಾರಿಗೂ ಹೇಳಿರಲಿಲ್ಲ.

ಶ್ರವಣಾಲಯವನ್ನು ಊರವರು ಕಿವಿಮನೆ ಎನ್ನುತ್ತಿದ್ದರು. ಗುಡ್ಡದ ಮೇಲೆ ಸಾಲಾಗಿ ಹಿತ್ತಾಳೆಯ ಕಹಳೆಗಳು ಆಕಾಶಕ್ಕೆ ಬಾಯಿ ತೆರೆದು ಮಲಗಿದ್ದವು. ಒಂದೊಂದರ ಬಾಯೊಳಗೂ ಆಳು ಎದ್ದು ನಿಲ್ಲಬಹುದು. ಕೆಳತುದಿ ಮಾತ್ರ ಕಲ್ಲುಗೋಡೆ ದಾಟಿ ಒಂದು ಕೋಣೆಗೆ ಬರುವಷ್ಟರಲ್ಲಿ ಕಿವಿಯ ಅಳತೆಗೆ ಇಳಿದಿರುತ್ತಿತ್ತು. ನಕ್ಷತ್ರದ ದನಿ ಯಂತ್ರಕ್ಕೆ ಸಿಕ್ಕುವುದಿಲ್ಲ, ಮನುಷ್ಯರ ಕಿವಿಗೇ ಸಿಕ್ಕಬೇಕು. ಹಗಲಾದರೂ ಅಡ್ಡಿಯಿಲ್ಲ. ಕೇಳಿದವರು ಕೇಳಿದ್ದನ್ನು ಆಗಲೇ ಗುನುಗಬೇಕು. ಪಕ್ಕದ ಕೋಣೆಯಲ್ಲಿ ಜಾಲರಿಯ ಹಿಂದೆ ಕೂತ ಸ್ವರಲೇಖಕರು ಅದನ್ನು ಬರೆದಿಟ್ಟುಕೊಳ್ಳಬೇಕು. ಜಗತ್ತಿಗೆ ಆಕಾಶದ ಬಗ್ಗೆ ತಿಳಿದದ್ದೆಲ್ಲ ಹೀಗೆ ಯಾರೋ ಗುನುಗಿದ್ದು.

ಅವಳ ನಕ್ಷತ್ರಕ್ಕೆ ಗೊರಕೆ ಅಜ್ಜಿ ಎಂದು ಅಡ್ಡಹೆಸರು. ತಗ್ಗಿನಲ್ಲಿ ಉದ್ದಕ್ಕೆ ಎಳೆದು, ಕೊನೆಯಲ್ಲಿ ಸ್ವಲ್ಪ ಮೇಲೆದ್ದು, ಏನೋ ಹೇಳಹೊರಟು ನುಂಗಿಕೊಂಡಂತೆ ನಿಲ್ಲುತ್ತಿತ್ತು. ಒಂದು ದಿನ ಅದು ಬರಲಿಲ್ಲ. ನಾಳೆ ಬಂದೀತು ಎಂದು ಅವಳು ನಿನ್ನೆಯದನ್ನೇ ಗುನುಗಿದಳು. ಮಾರನೆಯ ದಿನವೂ ಅಷ್ಟೇ. ಕಿವಿ ಕೆಟ್ಟಿತೇ? ಮನೆಯಲ್ಲಿ ಗಂಡ ಉಗುಳು ನುಂಗುವುದೂ ಕೇಳಿಸುತ್ತಿತ್ತು. ಹಾಗಾದರೆ ನಕ್ಷತ್ರವೇ ಸತ್ತಿತೇ? ಯಾವುದು ನಿಜವಾದರೆ ತನಗೆ ಸಮಾಧಾನ ಎಂದು ಯೋಚಿಸಿ, ಯೋಚಿಸಿದ್ದಕ್ಕೆ ನಾಚಿದ್ದಳು.

ಇವತ್ತು ಜೋಡಿ ಆಲಿಕೆ. ಒಬ್ಬರ ನಕ್ಷತ್ರವನ್ನು ಇನ್ನೊಬ್ಬರು ಕೇಳಿ ತಾಳೆ ನೋಡುವ ದಿನ. ಅವಳ ಜಾಗದಲ್ಲಿ ಈಗಷ್ಟೇ ಸೇರಿದ ಹೊಸ ಹುಡುಗಿ ಕೂಡಬೇಕಿತ್ತು.

ಹುಡುಗಿ ಒಳಗೆ ಹೋದಳು. ಅವಳು ಪಕ್ಕದ ಕೋಣೆಯಲ್ಲಿ, ಸ್ವರಲೇಖಕರ ಹಿಂದೆ, ಮುಖ್ಯಸ್ಥರ ಜೊತೆ ನಿಂತಳು. ಇನ್ನೇನು ಹುಡುಗಿ ಏನೂ ಕೇಳಿಸಲಿಲ್ಲ ಎಂದು ಹೊರಬರುತ್ತಾಳೆ. ಮುಖ್ಯಸ್ಥರು ತನ್ನ ಕಡೆ ತಿರುಗುತ್ತಾರೆ. ಹೇಳಬೇಕಾದ ಮಾತನ್ನು ಅವಳು ರಾತ್ರಿಯೆಲ್ಲ ಜೋಡಿಸಿಟ್ಟಿದ್ದಳು. ಎಲ್ಲ ಮುಗಿದುಹೋಗುತ್ತದೆ ಎಂಬ ಭಯದ ಅಡಿಯಲ್ಲಿ ಇನ್ನೊಂದು ಇತ್ತು. ಅದಕ್ಕೆ ಆಸೆ ಎಂದು ಹೆಸರಿಡಲು ಅವಳು ಒಪ್ಪಲಿಲ್ಲ.

ಜಾಲರಿಯಿಂದ ಗುನುಗು ಬಂತು. ತಗ್ಗಿನಲ್ಲಿ ಉದ್ದಕ್ಕೆ ಎಳೆದು, ಕೊನೆಯಲ್ಲಿ ಸ್ವಲ್ಪ ಮೇಲೆದ್ದು, ನುಂಗಿಕೊಂಡು ನಿಂತಿತು.

ಸ್ವರಲೇಖಕರು ಬರೆದುಕೊಂಡರು. ಒಂದು ಎಳೆಯೂ ಹೆಚ್ಚುಕಡಿಮೆ ಇಲ್ಲ ಎಂದರು.

"ಅಜ್ಜಿ ಗಟ್ಟಿಯಾಗಿದಾಳೆ," ಎಂದರು ಮುಖ್ಯಸ್ಥರು. "ನಮ್ಮನ್ನೆಲ್ಲ ಕಳಿಸೇ ಹೋಗೋದು."

ಸ್ವರಲೇಖಕರು ನಕ್ಕರು. ಅವಳೂ ನಕ್ಕಳು. ಹಾಗಾದರೆ ಕೆಟ್ಟದ್ದು ತನ್ನ ಕಿವಿಯೇ.

ಊಟದ ಹೊತ್ತಿಗೆ ಹುಡುಗಿ ಮೆಟ್ಟಿಲ ಮೇಲೆ ಒಬ್ಬಳೇ ಡಬ್ಬಿ ಬಿಚ್ಚಿ ಕೂತಿದ್ದಳು. ಅವಳು ಹೋಗಿ ಪಕ್ಕದಲ್ಲಿ ಕೂತಳು. ಊರು, ಬಾಡಿಗೆ ಕೋಣೆ, ಅಪ್ಪನ ಕಾಯಿಲೆ ಎಂದು ಸ್ವಲ್ಪ ಮಾತಾಯಿತು. ಈ ಕೆಲಸ ಸಿಗದಿದ್ದರೆ ಮನೆಯವರು ಮದುವೆ ಮುಗಿಸಿಬಿಡುತ್ತಿದ್ದರಂತೆ.

"ಸ್ಪಷ್ಟವಾಗಿ ಕೇಳಿಸ್ತಾ?" ಎಂದಳು, ಅನ್ನ ಕಲಸುತ್ತ.

"ಯಾವುದು ಮೇಡಂ?"

"ಬೆಳಿಗ್ಗೆ ಗುನುಗಿದ್ದು."

"ನಿಮಗೆ ಕೇಳ್ಸೋ ಹಾಗೇ ತಾನೇ ಕೇಳಿಸ್ಬೇಕು." ಹುಡುಗಿ ಡಬ್ಬಿಯ ಮುಚ್ಚಳವನ್ನು ಒರೆಸತೊಡಗಿದಳು. ಅದು ಒರೆಸಿಯೇ ಇತ್ತು.

"ಮುಂಚೆ ಯಾವತ್ತಾದ್ರೂ ಕೇಳಿದ್ಯಾ ಅದನ್ನ?"

"ತರಬೇತೀಲಿ ಎಲ್ರಿಗೂ ಬಾಯಿಪಾಠ ಮಾಡಿಸಿದಾರಲ್ಲ ಮೇಡಂ. ನಿಮ್ಮದೇ ಗುನುಗು. ಪರೀಕ್ಷೆಗೂ ಅದೇ ಬಂದಿತ್ತು."

ಅವಳು ಎತ್ತಿದ ತುತ್ತನ್ನು ಮತ್ತೆ ಡಬ್ಬಿಗೆ ಇಳಿಸಿದಳು. ಹುಡುಗಿ ಅವಳ ಮುಖವನ್ನೇ ನೋಡುತ್ತಿದ್ದಳು, ಏಟು ಎತ್ತ ಕಡೆಯಿಂದ ಬರುತ್ತದೋ ಎಂದು ಕಾಯುವ ಹಾಗೆ.

"ಯಾಕೆ ಮೇಡಂ, ನಿಮಗೆ ಕೇಳಿಸಲ್ವಾ?"

ಹೇಳಿಬಿಡಬಹುದಿತ್ತು. ಇಬ್ಬರೇ ಇದ್ದರು, ಗಾಳಿಯೂ ಇರಲಿಲ್ಲ.

"ಕೇಳಿಸದೆ ಏನು," ಎಂದಳು. "ಉಪ್ಪಿನಕಾಯಿ ಬೇಕಾ?"

ಹುಡುಗಿ ಬೇಡವೆಂದಳು. ಇಬ್ಬರೂ ಆಲಿಸುವವರ ಪದ್ಧತಿಯಂತೆ ಹಲ್ಲಿಗೆ ಹಲ್ಲು ತಾಕದ ಹಾಗೆ ಅಗಿದು ಊಟ ಮುಗಿಸಿದರು.

ಮಧ್ಯಾಹ್ನದ ಆಲಿಕೆ ಅವಳದು. ಕೋಣೆಗೆ ಬಂದು, ಬಾಗಿಲು ಹಾಕಿ, ಊಟದ ನಂತರ ಮತ್ತೆ ಇಟ್ಟುಕೊಂಡಿದ್ದ ಹತ್ತಿ ತೆಗೆದು, ಹಿತ್ತಾಳೆಯ ತುದಿಗೆ ಕಿವಿ ಕೊಟ್ಟಳು. ತಣ್ಣಗಿತ್ತು. ಏನೂ ಇರಲಿಲ್ಲ.

ಕಣ್ಣಿನ ಮಟ್ಟಕ್ಕೆ ಗೋಡೆಯಲ್ಲಿ ಅಂಗೈಯಗಲದ ಗಾಜು. ಕಹಳೆಯ ಬಾಯಿ ಸರಿಯಾದ ದಿಕ್ಕಿಗಿದೆಯೇ ಎಂದು ನೋಡಿಕೊಳ್ಳಲು ಇಟ್ಟದ್ದು. ಅವಳು ನೋಡಿದಳು. ಬಾಯಿಯ ಅಂಚಿಗೆ ಏಣಿ ಹಾಕಿಕೊಂಡು ಒಬ್ಬ ಹಿತ್ತಾಳೆ ಉಜ್ಜುತ್ತಿದ್ದ. ಯಾರೋ ದಿನ ತಪ್ಪಿ ಕಳಿಸಿರಬೇಕು. ಆಲಿಕೆ ನಡೆಯುವಾಗ ಕಹಳೆಯ ಹತ್ತಿರ ಕೆಮ್ಮುವಂತೆಯೂ ಇಲ್ಲ. ಹಿಂದೊಮ್ಮೆ ಬಾಯಿಯೊಳಗೆ ಒಂದು ಬಕೀಟು ಬಿದ್ದು ಈಚೆ ತುದಿಯಲ್ಲಿದ್ದವರ ಕಿವಿಯಿಂದ ರಕ್ತ ಬಂದಿತ್ತು.

ಅವನು ಕೈಯ ಬಟ್ಟೆ ಕೆಳಗಿಟ್ಟ. ಕಹಳೆಯೊಳಕ್ಕೆ ತಿರುಗಿದ. ಎರಡೂ ಕೈ ತನ್ನ ಬಾಯಿಯ ಸುತ್ತ ಹಿಡಿದು, ಕತ್ತಿನ ನರ ಉಬ್ಬುವ ಹಾಗೆ ಕೂಗಿದ.

ಕಿವಿ ತೆಗೆಯಲು ಸಮಯವಿತ್ತು. ಅವಳು ತೆಗೆಯಲಿಲ್ಲ. ಕಣ್ಣು ಮುಚ್ಚಿ, ಹಲ್ಲು ಕಚ್ಚಿ, ಕಾದಳು.

ಏನೂ ಬರಲಿಲ್ಲ.

ಕಣ್ಣು ತೆರೆದಳು. ಅವನು ಮತ್ತೆ ಕೂಗಿದ. ತಮಾಷೆಗೋ, ಯಾರನ್ನಾದರೂ ಕರೆಯುತ್ತಿದ್ದನೋ, ಏಣಿ ಜಾರುತ್ತಿತ್ತೋ. ಗಾಜಿನಲ್ಲಿ ಅವನ ಬಾಯಿ ಉಗುರಿನಷ್ಟು ಕಾಣುತ್ತಿತ್ತು.

"ಶುರು ಮಾಡೋಣ್ವಾ?" ಜಾಲರಿಯ ಹಿಂದಿನಿಂದ ಸ್ವರಲೇಖಕರು ಪಿಸುಗುಟ್ಟಿದರು.

ಆ ಪಿಸುಮಾತು ಅವಳಿಗೆ ಚೆನ್ನಾಗಿ ಕೇಳಿಸಿತು.

ಅವಳು ತಗ್ಗಿನಲ್ಲಿ ಉದ್ದಕ್ಕೆ ಎಳೆದಳು. ಆಚೆ ತುದಿಯಲ್ಲಿ ಆ ಬಾಯಿ ತೆರೆಯುತ್ತಿತ್ತು, ಮುಚ್ಚುತ್ತಿತ್ತು, ಮತ್ತೆ ತೆರೆಯುತ್ತಿತ್ತು. ಜಾಲರಿಯ ಹಿಂದೆ ಪೆನ್ನು ಕಾಗದದ ಮೇಲೆ ಒಂದೇ ಸಮನೆ ಹರಿಯುತ್ತಿತ್ತು.