ಕಣ್ಣಿನ ಮೇಲಿನ ಒದ್ದೆ ಬಟ್ಟೆ

ಬಟ್ಟೆಯ ಪಟ್ಟಿಯನ್ನು ಬಕೆಟ್ಟಿನ ನೀರಿನಲ್ಲಿ ಅದ್ದಿ, ಎರಡು ಸಲ ಹಿಂಡಿ, ನೀರು ತೊಟ್ಟಿಕ್ಕುವುದು ನಿಂತ ಮೇಲೆ ಅದನ್ನು ಮಣ್ಣಿನ ಮುಖದಲ್ಲಿ ಕಣ್ಣಿರಬೇಕಾದ ಜಾಗಕ್ಕೆ ಹೊದಿಸುವುದು ನನ್ನ ಕೆಲಸವಾಗಿತ್ತು. ಬೆಳಿಗ್ಗೆ ಒಮ್ಮೆ, ಬಿಸಿಲೇರಿದಾಗ ಒಮ್ಮೆ, ಹೊತ್ತು ಇಳಿಯುವಾಗ ಒಮ್ಮೆ. ಆ ಹೊತ್ತಿನಲ್ಲಿ ಮಾತಾಡಬಾರದೆಂದು ಯಾರೂ ಹೇಳಿರಲಿಲ್ಲ. ಅಪ್ಪ ಮಾತಾಡುತ್ತಿರಲಿಲ್ಲ, ಹಾಗಾಗಿ ನಾನೂ ಆಡುತ್ತಿರಲಿಲ್ಲ.

ನಮ್ಮ ಮನೆಯಲ್ಲಿ ಮೂರ್ತಿಗಳಿಗೆ ಕಣ್ಣು ಕೊನೆಗೆ. ಮೂಗು, ತುಟಿ, ಕಿವಿ, ಕಿರೀಟ ಎಲ್ಲ ಒಣಗಿದರೂ ಕಣ್ಣಿನ ಜಾಗ ಮಾತ್ರ ಹಸಿಯಾಗಿರಬೇಕು. ಒಯ್ಯುವವರು ಬಂದು ಬಾಗಿಲಲ್ಲಿ ನಿಂತ ಮೇಲೆಯೇ ಅಪ್ಪ ಪಟ್ಟಿ ತೆಗೆದು, ಬಿದಿರಿನ ಕಡ್ಡಿಯಿಂದ ರೆಪ್ಪೆ ಬಿಡಿಸಿ ಕಣ್ಣು ತೆರೆಸುತ್ತಿದ್ದ. ಕಣ್ಣು ತೆರೆದದ್ದನ್ನು ಒಡೆಯುವ ಹಾಗಿಲ್ಲ. ನೀರಿಗೆ ಬಿಡಬಹುದು, ಅಷ್ಟೇ. ಸೊಂಡಿಲು ಬಿರಿದ, ಕೈ ಮುರಿದ ಎಷ್ಟೋ ಗಣಪತಿಗಳನ್ನು ಅಪ್ಪ ಮತ್ತೆ ಕುಟ್ಟಿ ಕಲಸಿದ್ದನ್ನು ನಾನು ನೋಡಿದ್ದೆ. ಅವುಗಳಿಗೆ ಕಣ್ಣು ಬಂದಿರಲಿಲ್ಲ.

ಏಳನೇ ತರಗತಿಗೆ ನಾನು ಶಾಲೆ ಬಿಟ್ಟೆ. ಪಟ್ಟಿ ನೆನೆಸಲು ಮನೆಯಲ್ಲಿ ಒಬ್ಬರು ಬೇಕಿತ್ತು. ಅಮ್ಮ ಇರಲಿಲ್ಲ. ನಾನು ಮೂರು ವರ್ಷದವಳಿದ್ದಾಗ ಬಟ್ಟೆ ಒಗೆಯಲು ಕೆರೆಗೆ ಹೋದವಳು ಹಿಂದಿರುಗಲಿಲ್ಲವಂತೆ. ಹಿಂಡಿಟ್ಟ ಬಟ್ಟೆಗಳು ಕಲ್ಲಿನ ಮೇಲೆಯೇ ಇದ್ದವು. ಎರಡು ದಿನ ಕೆರೆಯಲ್ಲಿ ಹುಡುಕಿದರು, ಏನೂ ಸಿಗಲಿಲ್ಲ. ಅವಳು ಬಸ್ಸು ಹತ್ತಿದ್ದನ್ನು ಕಂಡೆವೆಂದವರೂ ಇದ್ದರು. ಅಪ್ಪ ಅವಳ ತಿಥಿ ಮಾಡಲಿಲ್ಲ. ಇನ್ನೊಂದು ಮದುವೆಯನ್ನೂ ಆಗಲಿಲ್ಲ.

ಅವಳದೊಂದು ಫೋಟೋ ಕೂಡ ಮನೆಯಲ್ಲಿರಲಿಲ್ಲ. ಗಣಪತಿ ಕೊಳ್ಳಲು ಬರುವ ಹೆಂಗಸರನ್ನು ನಾನು ಕಂಬದ ಮರೆಯಿಂದ ನೋಡುತ್ತಿದ್ದೆ. ಒಬ್ಬಳ ಹುಬ್ಬು, ಇನ್ನೊಬ್ಬಳ ಗಲ್ಲ, ಮತ್ತೊಬ್ಬಳು ಚೌಕಾಸಿ ಮಾಡುವಾಗ ಕಚ್ಚಿಕೊಳ್ಳುವ ತುಟಿ, ಇವನ್ನೆಲ್ಲ ಸೇರಿಸಿ ಒಂದು ಮುಖ ಮಾಡಿಕೊಳ್ಳುತ್ತಿದ್ದೆ. ಮಾರನೆಯ ದಿನಕ್ಕೆ ಅದು ಕರಗಿಹೋಗಿರುತ್ತಿತ್ತು. ಒಮ್ಮೆ ಅಪ್ಪನ ಅಕ್ಕ ಕಾಳತ್ತೆಯನ್ನು ಕೇಳಿದ್ದೆ: "ಅಮ್ಮ ಹೇಗಿದ್ಲು ಅತ್ತೆ?"

"ಹೆಂಗಸರು ಇರೋ ಹಾಗಿದ್ಲು. ಹಿಟ್ಟು ಕಲಸು."

ನನಗೆ ಹದಿನೇಳು ತುಂಬಿದ ವರ್ಷ ಊರಾಚೆಯ ಹಳೆಯ ಕಲ್ಲುಕ್ವಾರಿಗೆ ಸಿನಿಮಾದವರು ಬಂದರು. ಸಾಹಸದ ಸಿನಿಮಾ. ಸಮುದ್ರದಾಚೆ ಮಾಯಾ ಎಂಬ ಜನ ಹಿಂದಿನ ಕಾಲದಲ್ಲಿ ಕಟ್ಟಿದ ನಗರವೊಂದು ದಟ್ಟ ಕಾಡಿನೊಳಗೆ ಮುಚ್ಚಿಹೋಗಿದೆ. ನಾಯಕ ಅದನ್ನು ಹುಡುಕುತ್ತ ಹೋಗುತ್ತಾನೆ. ಬಳ್ಳಿ ಕತ್ತರಿಸುತ್ತಾನೆ, ಹಾವಿನಿಂದ ತಪ್ಪಿಸಿಕೊಳ್ಳುತ್ತಾನೆ, ಕೊನೆಗೆ ಮೆಟ್ಟಿಲುಗಳೇ ಗೋಡೆಯಾದ ಗುಡಿಯೊಂದನ್ನು ಕಾಣುತ್ತಾನೆ. ಅದರ ತುದಿಯಲ್ಲಿ ಕಣ್ಣು ಮುಚ್ಚಿದ ದೊಡ್ಡ ಕಲ್ಲಿನ ಮುಖ. ಅವನು ಅದನ್ನು ಮುಟ್ಟಿದ್ದೇ ತಡ, ಎಲ್ಲವೂ ಸಿಡಿದು ಬೀಳುತ್ತದೆ.

ನಮ್ಮ ಕ್ವಾರಿಯಲ್ಲಿ ಕಾಡಿರಲಿಲ್ಲ, ಜಾಲಿ ಇತ್ತು. ಸಿನಿಮಾದವರು ಗಾಡಿಗಟ್ಟಲೆ ಬಾಳೆಗಿಡಗಳನ್ನು ತಂದು ನೆಟ್ಟು ಕಾಡು ಮಾಡಿದರು. ಮಧ್ಯಾಹ್ನದ ಹೊತ್ತಿಗೆ ಅದು ಬಾಡುತ್ತಿತ್ತು. ಬಾಡುವ ಮೊದಲೇ ಊರ ಮೇಕೆಗಳು ಬಂದರೆ ಕಾಡಿನ ಒಂದು ಬದಿ ಇಲ್ಲದಂತಾಗುತ್ತಿತ್ತು. ಬಿದಿರು, ಗೋಣಿ, ಪ್ಲಾಸ್ಟರಿನ ಗುಡಿ ಮಾತ್ರ ದೂರದಿಂದ ನೋಡಿದರೆ ನಿಜವಾದ ಕಲ್ಲಿನದೆಂದೇ ಕಾಣುತ್ತಿತ್ತು.

ಆ ಸೆಟ್ಟು ಕಟ್ಟಿಸುತ್ತಿದ್ದವರು ಅರುಳಪ್ಪ ಎಂಬುವರು. ಕಂಕುಳಲ್ಲಿ ದಪ್ಪ ಚಿತ್ರದ ಪುಸ್ತಕ ಇಟ್ಟುಕೊಂಡು ಅವರು ನಮ್ಮ ಮನೆಗೆ ಬಂದರು.

"ಮೌನಾಚಾರ್ರೇ, ಮುಖ ಎರಡಾಳೆತ್ತರ ಬರಬೇಕು. ಕಣ್ಣು ಮುಚ್ಚಿರುತ್ತೆ, ನಿಮಗೆ ಅಷ್ಟು ಕೆಲಸ ಉಳೀತು."

ಅಪ್ಪ ಚಿತ್ರವನ್ನು ಬಹಳ ಹೊತ್ತು ನೋಡಿದ. "ಇದೇನು, ಗಿಣಿ ಮೂಗು."

"ಆ ಜನದ ಮೂಗೇ ಹಾಗೆ."

"ಆಮೇಲೆ ಒಡೀತೀರಾ?"

"ಮದ್ದಿಟ್ಟು ಹಾರಿಸ್ತೀವಿ. ಸಿನಿಮಾ ನಿಂತಿರೋದೇ ಅದರ ಮೇಲೆ."

ಅಪ್ಪ ಆಗುವುದಿಲ್ಲ ಎನ್ನುತ್ತಾನೆಂದುಕೊಂಡೆ. ಒಡೆಯುವುದಕ್ಕೆಂದು ಅವನು ಏನನ್ನೂ ಮಾಡಿದವನಲ್ಲ. ಆದರೆ ಅವನು ಕೇಳಿದ್ದು ಬೇರೆ. "ಈ ಸಿನಿಮಾ ಯಾವ್ಯಾವ ಊರಿಗೆ ಹೋಗುತ್ತೆ?"

ಅರುಳಪ್ಪ ನಕ್ಕರು. "ಥಿಯೇಟರ್ ಇರೋ ಊರಿಗೆಲ್ಲ ಹೋಗುತ್ತೆ. ನಿಮ್ಮ ಕೈಕೆಲಸ ಊರೂರಿಗೂ ಗೊತ್ತಾಗುತ್ತೆ ಆಚಾರ್ರೇ!"

ಅಪ್ಪ ಒಪ್ಪಿಕೊಂಡ. ಅವನಿಗೂ ಹೆಸರಿನ ಆಸೆ ಇದೆ ಎಂದು ಅವತ್ತು ನನಗೆ ಅನ್ನಿಸಿತು. ಸ್ವಲ್ಪ ನಾಚಿಕೆಯೂ ಆಯಿತು.

ದಿನವೂ ಬೆಳಿಗ್ಗೆ ನಾವಿಬ್ಬರೂ ಆ ಮೆಟ್ಟಿಲುಗಳನ್ನು ಹತ್ತುತ್ತಿದ್ದೆವು. ಮುಖಕ್ಕೆ ಬಿದಿರಿನ ಹಂದರ, ಅದರ ಮೇಲೆ ಹುಲ್ಲು, ಅದರ ಮೇಲೆ ಮಣ್ಣು. ಮುಚ್ಚಿದ ಕಣ್ಣೇ ಸಾಕೆಂದಿದ್ದರೂ ಅಪ್ಪ ಕಣ್ಣಿನ ಜಾಗವನ್ನು ಹಸಿಯಾಗಿಯೇ ಬಿಟ್ಟು ನನ್ನಿಂದ ಪಟ್ಟಿ ಹೊದಿಸುತ್ತಿದ್ದ. ಮೊದಲ ವಾರ ಅದು ಪುಸ್ತಕದ ಚಿತ್ರದ ಹಾಗೆಯೇ ಇತ್ತು. ಎರಡನೆಯ ವಾರ ಒಂದು ಬೆಳಿಗ್ಗೆ ಅಪ್ಪ ತಂತಿಯಿಂದ ಮೂಗನ್ನು ಕೊಯ್ದು ತೆಗೆದ. ಬದಲಿಗೆ ಕಟ್ಟಿದ ಮೂಗು ಚಿಕ್ಕದು, ಒಂದಿಷ್ಟು ಎಡಕ್ಕೆ ವಾಲಿದ್ದು. ಕೆಳತುಟಿ ದಪ್ಪವಾಯಿತು. ಗಲ್ಲದಲ್ಲಿ ಹೆಬ್ಬೆರಳೂರಿದಂಥ ಒಂದು ಗುಳಿ ಬಿತ್ತು. ಪುಸ್ತಕ ಮಣ್ಣಿನ ರಾಶಿಯ ಪಕ್ಕ ಮುಚ್ಚಿ ಬಿದ್ದಿತ್ತು. ಹಾಗಾದರೆ ಇವನು ಯಾವುದನ್ನು ನೋಡಿ ಮಾಡುತ್ತಿದ್ದಾನೆ ಎಂದು ನಾನು ಯೋಚಿಸುತ್ತಿದ್ದೆ.

ಅರುಳಪ್ಪ ಕೆಳಗಿನಿಂದಲೇ ಕೂಗಿದರು. "ಆಚಾರ್ರೇ, ಗಿಣಿ ಮೂಗು ಎಲ್ಲಿ ಹೋಯ್ತು?"

"ಹಾರಿಹೋಯ್ತು," ಎಂದ ಅಪ್ಪ. ಅವನು ತಮಾಷೆ ಮಾಡಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ.

ಒಂದು ಮಧ್ಯಾಹ್ನ ಕಾಳತ್ತೆ ರೊಟ್ಟಿಗಂಟು ಹಿಡಿದು ಕ್ವಾರಿಗೆ ಬಂದಳು. ಕೆಳಗೆ ಇಸ್ತ್ರಿ ಅಂಗಡಿಯ ತಿಪ್ಪಣ್ಣ ಮೈಗೆಲ್ಲ ಕೆಮ್ಮಣ್ಣು ಬಳಿದುಕೊಂಡು, ತಲೆಗೆ ಗರಿ ಸಿಕ್ಕಿಸಿಕೊಂಡು ಮಾಯಾ ಜನರ ಪೂಜಾರಿಯಾಗಿ ನಿಂತಿದ್ದ.

"ಏ ತಿಪ್ಪಣ್ಣ, ಆ ಗರಿ ನಮ್ಮನೆ ಹುಂಜದ್ದಲ್ವೇನೋ?"

"ಕಾಳಕ್ಕಾ, ನಾನೀಗ ಮಹಾಪೂಜಾರಿ. ಶಾಪ ಕೊಟ್ಟುಬಿಟ್ಟೇನು!"

"ಮೊದ್ಲು ನನ್ನ ಸೀರೆ ಇಸ್ತ್ರಿ ಮಾಡಿ ಕೊಡು. ತಿಂಗಳಾಯ್ತು. ಶಾಪ ಆಮೇಲೆ ಕೊಡುವಂತೆ."

ನಗುತ್ತಲೇ ಮೆಟ್ಟಿಲು ಹತ್ತಿ ಬಂದವಳು ತಲೆ ಎತ್ತಿದಳು. ನಗು ನಿಂತಿತು. ಗಂಟನ್ನು ನಿಧಾನವಾಗಿ ಕೆಳಗಿಟ್ಟು, "ಇವಳನ್ನ ಯಾಕೋ ಇಲ್ಲಿ ತಂದು ನಿಲ್ಲಿಸಿದೀಯ?" ಎಂದಳು.

ಅಪ್ಪ ಒದ್ದೆ ಅಂಗೈಯಿಂದ ಮಣ್ಣಿನ ಕೆನ್ನೆಯನ್ನು ಸವರುತ್ತಲೇ ಇದ್ದ. ಅತ್ತೆ ನನ್ನ ಕಡೆಗೆ ತಿರುಗಿದಳು.

"ಕೇಳ್ತಿದ್ಯಲ್ಲ, ಹೇಗಿದ್ಲು ಅಂತ. ನೋಡ್ಕೋ."

ಅವಳು ಇಳಿದುಹೋದ ಮೇಲೂ ನನ್ನ ಕೈಯಲ್ಲಿ ಒದ್ದೆ ಪಟ್ಟಿ ಹಾಗೆಯೇ ಇತ್ತು. ಹದಿನಾಲ್ಕು ವರ್ಷ ನಾನು ಊರಿನ ಹೆಂಗಸರ ಮುಖಗಳಿಂದ ತುಣುಕು ತುಣುಕಾಗಿ ಕದ್ದು ಸೇರಿಸಲು ನೋಡಿದ್ದು ಇಲ್ಲಿ ನನ್ನೆದುರು ಪೂರ್ತಿಯಾಗಿ ನಿಂತಿತ್ತು. ಗಲ್ಲದ ಗುಳಿಯನ್ನು ಮುಟ್ಟಿದೆ. ಆಮೇಲೆ ನನ್ನ ಗಲ್ಲವನ್ನು ಮುಟ್ಟಿಕೊಂಡೆ. ನನ್ನದರಲ್ಲಿ ಗುಳಿ ಇರಲಿಲ್ಲ.

ಸ್ಫೋಟಕ್ಕೆ ಐದು ದಿನ ಉಳಿದಿತ್ತು. ಆ ಐದು ದಿನ ನಾನು ಬೇಕಿಲ್ಲದಾಗಲೂ ಪಟ್ಟಿ ನೆನೆಸಿದೆ. ಇದೊಂದು ಮುಖ ಹೋದರೆ ಅಮ್ಮ ಮತ್ತೆ ಯಾವತ್ತೂ ಸಿಗುವುದಿಲ್ಲ ಎಂಬುದು ನನಗೆ ಗೊತ್ತಿತ್ತು. ಅಪ್ಪನಿಗೆ ಬೇಡವೆಂದು ಹೇಳುವ ಬಾಯಿ ನನಗಿರಲಿಲ್ಲ. ಅರುಳಪ್ಪನವರಿಗೆ ಹೇಳುವುದಂತೂ ದೂರದ ಮಾತು. ನನಗೆ ಗೊತ್ತಿದ್ದದ್ದು ನಮ್ಮ ಮನೆಯ ಕಟ್ಟಳೆ ಒಂದೇ: ಕಣ್ಣು ತೆರೆದದ್ದನ್ನು ಒಡೆಯುವ ಹಾಗಿಲ್ಲ.

ಐದನೆಯ ದಿನ ಬೆಳಕು ಹರಿಯುತ್ತಿದ್ದಂತೆ, ಅಪ್ಪ ಇನ್ನೂ ಹಲ್ಲುಜ್ಜುತ್ತಿದ್ದಾಗ, ಅವನ ಚೀಲದಿಂದ ಬಿದಿರಿನ ಕಡ್ಡಿ ತೆಗೆದುಕೊಂಡು ಕ್ವಾರಿಗೆ ಓಡಿದೆ. ಏಣಿ ಹತ್ತಿ ಪಟ್ಟಿ ಸರಿಸಿದೆ. ಒಣಗಿ ಬೆಳ್ಳಗಾಗಿದ್ದ ಮುಖದಲ್ಲಿ ಆ ಎರಡು ಜಾಗ ಮಾತ್ರ ಕಪ್ಪಗೆ, ಮೆತ್ತಗೆ ಇದ್ದವು. ಅಮ್ಮನ ಕಣ್ಣು ನನಗೆ ಗೊತ್ತಿರಲಿಲ್ಲ. ಅಪ್ಪ ಗೌರಿಗೆ ಬಿಡಿಸುವುದನ್ನು ನೋಡಿ ನೋಡಿ ಕಲಿತಿದ್ದ, ಮೀನಿನ ಹಾಗೆ ಉದ್ದಕ್ಕೆ ಅರಳಿದ ಕಣ್ಣುಗಳನ್ನೇ ಬಿಡಿಸಿದೆ.

ಇಳಿದು ತಿರುಗಿದರೆ ಅಪ್ಪ ಮೆಟ್ಟಿಲ ಮೇಲೆ ನಿಂತಿದ್ದ.

"ಕಣ್ಣು ಬಿಡಿಸಿದೀನಿ ಅಪ್ಪ," ಎಂದೆ. ನನ್ನ ದನಿ ನನಗೇ ಹೊಸದಾಗಿತ್ತು. "ಇನ್ನು ಒಡೆಯೋ ಹಾಗಿಲ್ಲ. ನೀನೇ ಅವರಿಗೆ ಹೇಳ್ಬೇಕು."

ಅವನು ಬೈಯಲಿಲ್ಲ. ಮುಖವನ್ನೇ ನೋಡುತ್ತಿದ್ದು, "ಇದು ಅವಳ ಕಣ್ಣಲ್ಲ," ಎಂದ.

ಕಡ್ಡಿಯನ್ನು ನನ್ನ ಕೈಯಿಂದ ತೆಗೆದುಕೊಂಡು ಏಣಿ ಹತ್ತಿದ. ಹೆಬ್ಬೆರಳನ್ನು ನೀರಿಗದ್ದಿ ನಾನು ಬಿಡಿಸಿದ್ದ ಕಣ್ಣುಗಳನ್ನು ಒಂದೊಂದಾಗಿ ಅಳಿಸಿದ. ಆಮೇಲೆ ಶುರುಮಾಡಿದ. ಎಡಗಣ್ಣು ಬಲಗಣ್ಣಿಗಿಂತ ಒಂದು ಎಳೆ ಚಿಕ್ಕದು. ಹೊರತುದಿಗಳು ಕೆಳಕ್ಕೆ ಇಳಿದಿದ್ದವು. ರೆಪ್ಪೆಯ ಮೇಲೆ ನಿದ್ದೆಗೆಟ್ಟವರಿಗೆ ಬೀಳುವಂಥ ಒಂದು ಮಡಿಕೆ. ಬಿಸಿಲು ಕೆಳಗಿನ ಮೆಟ್ಟಿಲಿನಿಂದ ಮೇಲಿನ ಮೆಟ್ಟಿಲಿಗೆ ಏರುವಷ್ಟು ಹೊತ್ತು ಹಿಡಿಯಿತು. ಒಮ್ಮೆಯೂ ಅವನು ತಡೆದು ಯೋಚಿಸಲಿಲ್ಲ.

"ಹೀಗೆ ನೋಡ್ತಿದ್ಲು," ಎಂದ ಇಳಿದು ಬಂದು. "ಯಾರಾದ್ರೂ ಕರೆದ್ರೆ, ಹೋಗ್ಲೋ ಬೇಡ್ವೋ ಅನ್ನೋ ಹಾಗೆ."

ಅಮ್ಮ ನನ್ನನ್ನು ನೋಡುತ್ತಿದ್ದಳು. ಹೋಗಲೋ ಬೇಡವೋ ಅನ್ನುವ ಹಾಗೆಯೇ.

"ಇಷ್ಟಾದ ಮೇಲೂ ಒಡೆಯೋಕೆ ಬಿಡ್ತೀಯಾ?"

ಅಪ್ಪ ಬಕೆಟ್ಟಿನಲ್ಲಿ ಕೈ ತೊಳೆಯತೊಡಗಿದ. ತೊಳೆದು ಮುಗಿದ ಮೇಲೂ ತೊಳೆಯುತ್ತಿದ್ದ. "ಥಿಯೇಟರ್ ಇರೋ ಊರಿಗೆಲ್ಲ ಹೋಗುತ್ತಂತಲ್ಲ," ಎಂದ. "ಎಲ್ಲಾದ್ರೂ ಕೂತು ನೋಡಿದ್ರೆ, ತನ್ನ ಮುಖ ತನಗೆ ಗೊತ್ತಾಗಲ್ವಾ? ನಾವು ಮರೆತಿಲ್ಲ ಅಂತ ಗೊತ್ತಾಗಲ್ವಾ?" ಕೈಯನ್ನು ನೀರಿನಿಂದ ತೆಗೆದು ಮತ್ತೆ ಹೇಳಿದ: "ಕಣ್ಣಿಲ್ದೆ ಗೊತ್ತಾಗ್ತಿರಲಿಲ್ಲ. ಬಿಡಿಸೋ ಧೈರ್ಯ ನನಗಿರಲಿಲ್ಲ. ನೀನು ಮಾಡಿದ್ದು ಒಳ್ಳೇದಾಯ್ತು."

ಅರುಳಪ್ಪ ಬಂದು ನೋಡಿ ತಲೆಯ ಮೇಲೆ ಕೈಹೊತ್ತರು. "ಕಣ್ಣು ಮುಚ್ಚಿರಬೇಕು ಅಂತ ಬಡ್ಕೊಂಡಿದ್ದೆನಲ್ಲ ಆಚಾರ್ರೇ!"

"ಇನ್ನು ಮುಚ್ಚೋಕಾಗಲ್ಲ," ಎಂದ ಅಪ್ಪ.

ಕೆಳಗೆ ಕ್ಯಾಮೆರಾದಲ್ಲಿ ಕಣ್ಣಿಟ್ಟಿದ್ದ ನಿರ್ದೇಶಕರು ಕೈ ಎತ್ತಿ, ಇರಲಿ ಬಿಡಿ, ಕಲ್ಲು ನೋಡ್ತಿರೋ ಹಾಗಿದೆ, ಎಂದರು. ಸೆಟ್ಟಿನ ಆಳುಗಳು ಮುಖಕ್ಕೆಲ್ಲ ಬೂದು ಬಣ್ಣ ಹೊಡೆದರು. ಕಣ್ಣಿನ ಮಣ್ಣು ಹಸಿ ಇದ್ದುದರಿಂದ ಅಲ್ಲಿ ಬಣ್ಣ ನಿಲ್ಲಲಿಲ್ಲ.

ಹೊತ್ತು ನೆತ್ತಿಗೆ ಬಂದಾಗ ಮದ್ದು ಸಿಡಿಯಿತು. ಬಾಳೆಯ ಕಾಡಿನಿಂದ ಮೇಕೆಗಳು ಚೆಲ್ಲಾಪಿಲ್ಲಿಯಾಗಿ ಓಡಿದವು. ಅಪ್ಪ ಕಣ್ಣು ಮುಚ್ಚಿಕೊಂಡಿದ್ದ. ನಾನು ಮುಚ್ಚಲಿಲ್ಲ. ಧೂಳು ಇಳಿದು, ಚಪ್ಪಾಳೆ ನಿಂತು, ಎಲ್ಲರೂ ಊಟಕ್ಕೆ ಹೋದ ಮೇಲೆ ನಾವಿಬ್ಬರೂ ಬುಟ್ಟಿ ಹಿಡಿದು ಚೂರುಗಳನ್ನು ಆರಿಸಿದೆವು. ಕ್ವಾರಿಯ ಹೊಂಡದ ನೀರಿಗೆ ಬುಟ್ಟಿ ಬುಟ್ಟಿಯಾಗಿ ಬಿಟ್ಟೆವು. ಕಣ್ಣು ತೆರೆದದ್ದು ನೀರಿಗೇ ಹೋಗಬೇಕು. ಕೊನೆಯ ಬುಟ್ಟಿ ಮುಳುಗಿದ ಮೇಲೂ ಅಪ್ಪ ನೀರಿನ ಅಂಚಿನಲ್ಲಿ ಕುಕ್ಕರುಗಾಲಲ್ಲಿ ಕುಳಿತೇ ಇದ್ದ.

ಸಿನಿಮಾ ನಮ್ಮ ಊರಿಗೆ ಬರುವ ಮೊದಲು ಎಷ್ಟೋ ಊರುಗಳಲ್ಲಿ ಓಡಿತು. ಆ ತಿಂಗಳುಗಳಲ್ಲಿ ಅಪ್ಪ ತನ್ನ ಮಣೆಯನ್ನು ಬಾಗಿಲ ಕಡೆಗೆ ತಿರುಗಿಸಿಕೊಂಡು ಕೆಲಸಕ್ಕೆ ಕೂರುತ್ತಿದ್ದ. ಹೊರಗೆ ಬಸ್ಸು ನಿಂತ ಸದ್ದಾದರೆ ಅವನ ಕೈ ನಿಲ್ಲುತ್ತಿತ್ತು. ನನ್ನದೂ. ಗಣಪತಿ ಕೊಳ್ಳುವವರು ಬಂದರು, ಹೋದರು.

ನಮ್ಮ ಥಿಯೇಟರಿಗೆ ಬಂದ ಮೊದಲ ದಿನ ಮಧ್ಯಾಹ್ನದ ಆಟಕ್ಕೆ ಊರಿಗೆ ಊರೇ ಸೇರಿತ್ತು. ಅಪ್ಪ ಸ್ನಾನ ಮಾಡಿ, ತಿಪ್ಪಣ್ಣ ಇಸ್ತ್ರಿ ಮಾಡಿಕೊಟ್ಟ ಅಂಗಿ ಹಾಕಿಕೊಂಡು ಬಂದಿದ್ದ. ತಿಪ್ಪಣ್ಣ ತೆರೆಯ ಮೇಲೆ ಬಂದಾಗ ಜನ ಶಿಳ್ಳೆ ಹೊಡೆದು ಬೆಂಚು ಬಡಿದರು. "ನೋಡ್ರೋ, ನಮ್ಮ ಹುಂಜ!" ಎಂದು ಕಾಳತ್ತೆ ಕೂಗಿದಳು. ನಾಯಕ ಕಾಡು ಕಡಿದ, ಹಾವು ದಾಟಿದ, ಮೆಟ್ಟಿಲು ಹತ್ತಿದ. ಆಮೇಲೆ ಆ ಬಿಳಿಯ ಬಟ್ಟೆಯ ತುಂಬ ಅಮ್ಮನ ಮುಖ ಬಂತು. ಬೂದು ಮುಖದಲ್ಲಿ ಎರಡು ಒದ್ದೆ ಕಣ್ಣು. ಕಾಳತ್ತೆ ಸೆರಗನ್ನು ಬಾಯಿಗೊತ್ತಿಕೊಂಡಳು. ಒಂದು, ಎರಡು, ಮೂರು, ನಾಲ್ಕು ಎಣಿಸುವಷ್ಟು ಹೊತ್ತು ಅಮ್ಮ ನಮ್ಮೆಲ್ಲರನ್ನೂ ನೋಡಿದಳು. ಐದಕ್ಕೆ ಸಿಡಿದಳು.

ಆಟ ಮುಗಿದು ಜನ ಎದ್ದರು. ಬಾಗಿಲುಗಳು ತೆರೆದು ಹಗಲಿನ ಬೆಳಕು ನುಗ್ಗಿತು. ಕಾಳತ್ತೆ ಕಣ್ಣೊರೆಸಿಕೊಳ್ಳುತ್ತ ಹೊರಗೆ ಹೋದಳು. ಅಪ್ಪ ಏಳಲಿಲ್ಲ. ಮಂಡಿಯ ಮೇಲೆ ಕೈಯಿಟ್ಟುಕೊಂಡು ಖಾಲಿ ತೆರೆಯನ್ನೇ ನೋಡುತ್ತಿದ್ದ, ಅದರ ಹಿಂದೆ ಏನೋ ಇನ್ನೂ ಹಸಿಯಾಗಿ ಉಳಿದಿದೆ ಎಂಬಂತೆ.

ಅಂಗಡಿಯವನನ್ನು ಉಪ್ಪು ಕೇಳಲೂ ನಾಚುತ್ತಿದ್ದ ನಾನು, ಹಿಂದಿನ ಕಿರಿದಾದ ಮೆಟ್ಟಿಲುಗಳನ್ನು ಹತ್ತಿ ಮೆಷಿನ್ನಿನ ಕೋಣೆಯ ಮುಂದೆ ನಿಂತೆ. ಬಾಗಿಲು ಮುಚ್ಚಿತ್ತು. ಒಳಗೆ ಯಾರೋ ಸುರುಳಿಯನ್ನು ಹಿಂದಕ್ಕೆ ಸುತ್ತುತ್ತಿದ್ದ ಸದ್ದು ಒಂದೇ ಸಮನೆ ಕೇಳುತ್ತಿತ್ತು. ಬಾಗಿಲು ತಟ್ಟಿದೆ. ಸದ್ದು ನಿಲ್ಲಲಿಲ್ಲ. ಬಾಗಿಲ ಹಲಗೆಗೆ ಬಾಯಿ ತಾಗುವಷ್ಟು ಹತ್ತಿರ ಹೋಗಿ ಕೇಳಿದೆ:

"ಅಣ್ಣಾ, ಆ ಮುಖ ಬರೋ ಜಾಗ ಇನ್ನೊಂದು ಸಲ ಹಾಕ್ತೀರಾ?"