ಮನ್ಮಥಪ್ಪ ಸೋಂಗು ಹಾಕಿರಲಿಲ್ಲ

ಮನೆಯಲ್ಲಿ ವಯಸ್ಸಾದವರು ಮಾತಿನ ನಡುವೆ ತಡವರಿಸಿದರೆ ನಾವು ನಕ್ಕು ಬಿಡುತ್ತೇವೆ. ವಯಸ್ಸಾಯಿತಲ್ಲ, ಇರಲಿ ಎನ್ನುತ್ತೇವೆ. ರಂಭಾಬಾಯಿಯೂ ಮೊದಲು ನಕ್ಕಿದ್ದಳು.

ಸೈನ್ಯ ಬಂದು ರಜಾಕಾರರ ಹಾವಳಿ ಅಡಗಿಸಿದ ಪೊಲೀಸ್ ಆ್ಯಕ್ಷನ್ ಆಗಿ ಕೆಲವು ವರ್ಷ ಕಳೆದಿದ್ದ ಕಾಲ ಅದು. ದೇವಣಿಗೆ ಹತ್ತಿರದ ಒಂದು ಹಳ್ಳಿಯಲ್ಲಿ ರಂಭಾಬಾಯಿ, ಅವಳ ಗಂಡ ಮನ್ಮಥಪ್ಪ, ಮೈದುನ ರೇವಣಪ್ಪ ಒಂದೇ ಮನೆಯಲ್ಲಿದ್ದರು. ಹೆಣ್ಣುಮಕ್ಕಳೆಲ್ಲ ಗಂಡನ ಮನೆ ಸೇರಿದ್ದರು. ರೇವಣಪ್ಪನ ಹೆಂಡತಿ ತೀರಿಕೊಂಡು ಬಹಳ ದಿನವಾಗಿತ್ತು. ಮನ್ಮಥಪ್ಪನಿಗೆ ಇನ್ನೂ ಅರವತ್ತು ತುಂಬಿರಲಿಲ್ಲ. ದನ ನೋಡುವುದರಲ್ಲಿ ಅವನದು ದೊಡ್ಡ ಹೆಸರು. ನಿಲಂಗಾ, ಉದಗೀರ, ಜಳಕೋಟದ ಕಡೆಯಿಂದ ಜನ ಹೋರಿ ಹಿಡಿದುಕೊಂಡು ಅವನ ಅಂಗಳಕ್ಕೆ ಬರುತ್ತಿದ್ದರು. ಅವನು ಕರುವಿನ ಕಾಲು, ಬೆನ್ನು, ಕಣ್ಣು ನೋಡಿ, ದೊಡ್ಡದಾದ ಮೇಲೆ ಅದು ಹೇಗೆ ನೇಗಿಲು ಎಳೆಯುತ್ತದೆ ಎಂದು ಹೇಳುತ್ತಿದ್ದ.

ಒಂದು ದಿನ ಅಡುಗೆಮನೆಯಿಂದ ರಂಭಾಬಾಯಿ ಕೂಗಿ ಹೇಳಿದಳು.

“ಏನ್ರಿ, ಎರಡ ಉಳ್ಳಾಗಡ್ಡಿ ತಂದು ಕೊಡ್ರಿ.”

ಮನ್ಮಥಪ್ಪ ಪಡಸಾಲೆಗೆ ಹೋಗಿ ಬರಿಗೈಯಲ್ಲಿ ಬಂದ.

“ಉಳ್ಳಾಗಡ್ಡಿ ಅಂದ್ರ ಏನು?”

ರಂಭಾಬಾಯಿ ನಕ್ಕಳು. “ಕನ್ನಡ ಮರತ್ರಿ ಏನು? ಕಾಂದಾ ರೀ, ಕಾಂದಾ.”

ಅವನು ಸುಮ್ಮನೆ ನೋಡಿದ.

“ಪ್ಯಾಜ್ ಅಂದ್ರರೆ ತಿಳೀತದೋ ಇಲ್ಲೊ?”

“ಎಲ್ಲಾ ಕೇಳಿದ ಶಬ್ದನೇ ಅವ,” ಎಂದ ಅವನು ಮೆಲ್ಲಗೆ. “ಖರೆ, ಅದು ಏನು ಅಂತ ತಿಳೀವಲ್ದು.”

ಅವಳು ಎದ್ದು ಹೋಗಿ, ಒಂದು ಈರುಳ್ಳಿಯನ್ನು ತಂದು ಅವನ ಕೈಯಲ್ಲಿಟ್ಟಳು. ಅವನು ತಿರುಗಿಸಿ ತಿರುಗಿಸಿ ನೋಡಿದ. ವರ್ಷವರ್ಷವೂ ತನ್ನ ಹೊಲದಲ್ಲಿ ಬೆಳೆದು ಮಾರುತ್ತಿದ್ದವನು ಅದನ್ನು ಯಾರದೋ ಊರಿನ ವಸ್ತುವಿನಂತೆ ನೆಲದ ಮೇಲಿಟ್ಟ. ರಂಭಾಬಾಯಿಯ ನಗು ಅಲ್ಲೇ ನಿಂತಿತು.

ಅಲ್ಲಿಂದ ಒಂದೊಂದೇ ವಸ್ತುವಿನ ಗುರುತು ಹೋಗತೊಡಗಿತು. ಬಾಚಣಿಗೆ, ಕೊಡ, ಹಗ್ಗ, ಎಲ್ಲವೂ ಅವನ ಬಾಯಲ್ಲಿ ‘ಆ ಸಾಮಾನ’ ಆದವು. ಆಡು ಬಂದರೂ ಎತ್ತು, ನಾಯಿ ಬಂದರೂ ಎತ್ತು. ನಿಲಂಗಾದಿಂದ ಒಬ್ಬ ರೈತ ಒಂದು ಹೋರಿ, ಒಂದು ಹಾಲು ಕೊಡುವ ಆಕಳು ಹಿಡಿದುಕೊಂಡು ಬಂದ. ಮನ್ಮಥಪ್ಪ ಎರಡರ ಬೆನ್ನನ್ನೂ ಪ್ರೀತಿಯಿಂದ ಸವರಿ, “ಎರಡೂ ಎತ್ತು ಛಲೋ ಅವ, ಜೋಡಿ ಹೂಡ್ರಿ,” ಎಂದ. ಅಂಗಳದಲ್ಲಿ ನಿಂತವರು ಬಿದ್ದು ಬಿದ್ದು ನಕ್ಕರು. ರೇವಣಪ್ಪ ತಲೆ ತಗ್ಗಿಸಿಕೊಂಡು ಒಳಗೆ ಬಂದ.

“ವೈನಿ, ಅಣ್ಣ ಸೋಂಗ ಹಾಕ್ಲಿಕತ್ಯಾನ. ದುಡಿಯೂದು ಬ್ಯಾಡಾಗ್ಯಾದ ಅವಗ.”

“ಹಂಗ್ಯಾಕ ಮಾಡ್ತಾರ ಅವರು? ಒಂದಿನರೆ ಕೆಲಸಕ್ಕ ಹಿಂದ ಸರದಾರ?”

“ಮತ್ತ ನೀವೇ ಹೇಳ್ರಿ. ಮೊನ್ನಿ ಯಾರ ಬಂದಿದ್ರು, ಏನ ಮಾತಾಡಿದ್ರು ಎಲ್ಲಾ ಸಾಲಾಗಿ ಹೇಳ್ತಾನ. ಉದಗೀರಕ್ಕ ಒಬ್ಬನೇ ಹೋಗಿ ಬರ್ತಾನ. ಅಷ್ಟ ನೆನಪ ಇದ್ದವಗ ಆಡು ಯಾವುದು, ನಾಯಿ ಯಾವುದು ತಿಳಿಯಂಗಿಲ್ಲ ಅಂದ್ರ ಯಾರ ನಂಬ್ತಾರ?”

ರೇವಣಪ್ಪ ಹೇಳಿದ್ದು ನಿಜವೇ ಆಗಿತ್ತು. ಮನ್ಮಥಪ್ಪ ನಿನ್ನೆ ಮೊನ್ನೆಯದನ್ನು ಮರೆಯುತ್ತಿರಲಿಲ್ಲ. ದಾರಿ ತಪ್ಪುತ್ತಿರಲಿಲ್ಲ. ಸೊಟ್ಟಾಗದಂತೆ ನೇಗಿಲ ಸಾಲು ಹೊಡೆಯುತ್ತಿದ್ದ. ಹೊಡೆಯುತ್ತಿದ್ದ ಆ ನೇಗಿಲು ಏನೆಂದು ಕೇಳಿದರೆ ಮಾತ್ರ ಕಣ್ಣು ಪಿಳಿಪಿಳಿ ಬಿಡುತ್ತಿದ್ದ.

ಊರವರು ಬೇರೆ ಮಾತು ಹೇಳಿದರು. ರಜಾಕಾರರ ಗದ್ದಲದಲ್ಲಿ ಅವನು ಜೋಳದ ಹೊಲದಲ್ಲಿ ಅಡಗಿ ಕುಳಿತಿದ್ದನಲ್ಲ, ಆಗಲೇ ಏನೋ ಮೈಯೊಳಗೆ ಹೊಕ್ಕಿದೆ ಎಂದರು. ರೇವಣಪ್ಪ ಅಣ್ಣನನ್ನು ಒಬ್ಬ ಮಂತ್ರ ಹಾಕುವವನ ಬಳಿ ಕರೆದೊಯ್ದ. ಆ ಮನುಷ್ಯ ಮೆಣಸಿನಕಾಯಿ ಹೊಗೆ ಹಾಕಿದ. ಹುಣಸೆಯ ಬರಲಿನಿಂದ ಬೆನ್ನಿನ ಮೇಲೆ ಬಾರಿಸಿದ. ಮನ್ಮಥಪ್ಪ ಏಳಲು ಹೋದಾಗ ರೇವಣಪ್ಪನೇ ಅವನ ಕೈ ಹಿಡಿದು ಕೂರಿಸಿದ.

ಮನೆಗೆ ಬಂದ ಮೇಲೆ ರಂಭಾಬಾಯಿ ಬೆನ್ನಿಗೆ ಎಣ್ಣೆ ಹಚ್ಚುತ್ತಿದ್ದಾಗ ಮನ್ಮಥಪ್ಪ ಹೇಳಿದ:

“ಕಪ್ಪನ್ನ ಮನಷ್ಯಾ ಹೊಡದಾ. ಅವನ ಮಗ್ಗಲಕ ಇಬ್ಬರು ಹೆಂಗಸರು ಕುಂತಿದ್ರು. ರೇವಣ್ಯಾ ನನ್ನ ಕೈ ಬಿಡಲಿಲ್ಲ.”

ಅವನು ದೂರಿಕೊಳ್ಳುತ್ತಿರಲಿಲ್ಲ, ನಡೆದದ್ದನ್ನು ನಡೆದ ಹಾಗೆ ಹೇಳುತ್ತಿದ್ದ ಅಷ್ಟೆ. ರಂಭಾಬಾಯಿ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

ಕೆಲವು ತಿಂಗಳ ಮೇಲೆ ರಂಭಾಬಾಯಿಯ ಅಕ್ಕನ ಮಗಳು ಅಂಜನಾಬಾಯಿ ಊರಿಗೆ ಬಂದಳು. ಅವಳು ಉದಗೀರದ ಒಂದು ದವಾಖಾನೆಯಲ್ಲಿ ನರ್ಸ್. ಊಟಕ್ಕೆ ಕುಳಿತಾಗ ಮನ್ಮಥಪ್ಪ ಉಪ್ಪಿನ ಬಟ್ಟಲನ್ನು ರೊಟ್ಟಿಯ ಮೇಲೆ ಬೋರಲು ಹಾಕಿಕೊಂಡದ್ದನ್ನು ಅವಳು ನೋಡಿದಳು. ಊಟವಾದ ಮೇಲೆ ಮೆಲ್ಲಗೆ ಒಂದೆರಡು ಮಾತು ಕೇಳಿದಳು. ಆಮೇಲೆ ಒಲೆಯ ಮುಂದೆ ಬಂದು ಕುಳಿತಳು.

“ಮಾವಶಿ, ಕಾಕಾಗ ದೆವ್ವಾನೂ ಬಡದಿಲ್ಲ, ಸೋಂಗೂ ಅಲ್ಲ. ಇದು ಮಿದುಳಿನ ಬ್ಯಾನಿ ಇರಬೇಕು ಅನಸ್ತದ. ಡಾಕ್ಟರಿಗೆ ತೋರಿಸಬೇಕು.”

“ಮಿದುಳಿನ ಬ್ಯಾನಿ ಅಂದ್ರ ಹುಚ್ಚ ಏನವ್ವ?”

“ಹುಚ್ಚಲ್ಲ. ಯಾವ ಸಾಮಾನ ಎದಕ್ಕ ಅನ್ನೋ ತಿಳುವಳಿಕಿ ಸವದು ಹೋಗ್ಲಿಕತ್ಯಾದ. ಅದಕ್ಕೇ ಅಂಜಿಕಿ. ತಿನ್ನೂದು ಯಾವುದು, ತಿನ್ನಬಾರದ್ದು ಯಾವುದು ನಾಳೆ ತಿಳಿಯಂಗಿಲ್ಲ. ಘಾಸಲೇಟ ಎಣ್ಣಿ, ಸುಣ್ಣ, ಕುಡಗೋಲು, ಇಂಥಾವು ಅವರ ಕೈಗೆ ಸಿಗದಂಗ ಇಡ್ರಿ.”

ಬಾಗಿಲಲ್ಲಿ ನಿಂತಿದ್ದ ರೇವಣಪ್ಪ ನಕ್ಕ. “ಕೂಸು ಏನು ಅಂವ, ಸುಣ್ಣ ತಿನ್ನಲಿಕ್ಕ? ಎರಡ ಹೊತ್ತು ಹೊಟ್ಟಿ ತುಂಬ ಉಣ್ತಾನ, ನಿದ್ದಿ ಮಾಡ್ತಾನ. ಹೊಲದಾಗಿನ ರಾಶಿ ಮುಗೀಲಿ, ಆಮ್ಯಾಲ ನೋಡೋಣಂತ.”

ಅಂಜನಾಬಾಯಿ ಮಾರನೇ ದಿನ ಹೋದಳು. ರಂಭಾಬಾಯಿ ಸೀಮೆಎಣ್ಣೆಯ ಘಾಸಲೇಟ ಡಬ್ಬಿಯನ್ನು ಅಟ್ಟದ ಮೇಲಿಟ್ಟಳು. ಆಸ್ಪತ್ರೆಯ ಮಾತನ್ನು ಮೈದುನನ ಮುಂದೆ ಮತ್ತೆ ಎತ್ತಲು ಅವಳಿಗೆ ಧೈರ್ಯ ಬರಲಿಲ್ಲ.

ದೀಪಾವಳಿ ಹತ್ತಿರ ಬಂತು. ಗೋಡೆಗೆ ಹಚ್ಚಲೆಂದು ರೇವಣಪ್ಪ ಗಡಿಗೆಯಲ್ಲಿ ಸುಣ್ಣ ಅರಳಿಸಿ ಅಂಗಳದಲ್ಲಿಟ್ಟ. ಬಿಳಿಯದು, ಗಟ್ಟಿ ಮೊಸರಿನ ಹಾಗೆ. ರಂಭಾಬಾಯಿ ನೀರಿಗೆ ಹೋಗಿದ್ದಳು. ಬಿಸಿಲಲ್ಲಿ ಹೊಲದಿಂದ ಬಂದ ಮನ್ಮಥಪ್ಪ ಬಟ್ಟಲು ತೆಗೆದುಕೊಂಡು, ಗಡಿಗೆಯಲ್ಲಿ ಅದ್ದಿ, ಗಟಗಟ ಕುಡಿದ.

ಅವಳು ಕೊಡ ಹೊತ್ತು ಬಂದಾಗ ಅವನು ನೆಲದ ಮೇಲೆ ಹೊರಳಾಡುತ್ತಿದ್ದ. ತುಟಿ, ನಾಲಿಗೆ ಸುಟ್ಟು ಹೋಗಿದ್ದವು. ಅವಳ ಕೂಗಿಗೆ ಓಣಿಯೇ ಓಡಿ ಬಂತು. ಬಾಯಿ ತೊಳೆಸಿ, ಕಾಳಿನ ಲಾರಿಯೊಂದರಲ್ಲಿ ಉದಗೀರಕ್ಕೆ ಒಯ್ದರು.

ಜೀವ ಉಳಿಯಿತು. ಗಂಟಲು ಸುಟ್ಟು ಕಿರಿದಾಯಿತು. ಬಾಯಿಯ ಗಾಯ ಸ್ವಲ್ಪ ಮಾಯ್ದ ಮೇಲೆ ಡಾಕ್ಟರರು ಅವನ ಮುಂದೆ ಚಮಚ, ಕೀಲಿಕೈ, ಬಾಳೆಹಣ್ಣು, ಸಾಬೂನು ಇಟ್ಟರು. ತಿನ್ನುವುದನ್ನು ಎತ್ತಿಕೊಡಿ ಎಂದರು. ಮನ್ಮಥಪ್ಪ ಬಹಳ ಹೊತ್ತು ನೋಡಿ ಸಾಬೂನು ಎತ್ತಿದ. ಇಲ್ಲಿಗೆ ಹೇಗೆ ಬಂದಿರಿ ಎಂದರೆ, ಗಾಡಿಯಲ್ಲಿ ಬಂದೆ, ‘ಆ ಸಾಮಾನ’ಗಳ ಮೇಲೆ ಮಲಗಿಸಿದ್ದರು ಎಂದು ತಡೆತಡೆದು ಹೇಳಿದ.

ಡಾಕ್ಟರರು ಮರಾಠಿಯಲ್ಲಿ ಹೇಳಿದ್ದನ್ನು ಅಂಜನಾಬಾಯಿ ರೇವಣಪ್ಪನಿಗೆ ಕನ್ನಡದಲ್ಲಿ ತಿಳಿಸಿದಳು.

“ಕಾಕಾ, ನಿನ್ನಿ ಏನಾತು ಅನ್ನೋ ನೆನಪು ಬ್ಯಾರೆ. ಸಾಬೂನು ಅಂದ್ರ ಏನು, ಬಾಳೆಹಣ್ಣು ಅಂದ್ರ ಏನು ಅನ್ನೋ ತಿಳುವಳಿಕಿ ಬ್ಯಾರೆ. ಇವರಿಗೆ ಎರಡನೇದು ಹೋಗ್ಯಾದ. ತಲೀಗೆ ಪೆಟ್ಟ ಬಿದ್ದರೂ ಹಿಂಗಾಗ್ತದ, ಜ್ವರ ಮಿದುಳಿಗೆ ಏರಿದರೂ ಆಗ್ತದ. ಅಂಥಾವಕ್ಕ ಲಗೂನ ಬಂದ್ರ ಏನರೆ ಮಾಡಬಹುದು. ಇವರದು ಹಂಗಲ್ಲ. ಮೆಲ್ಲಕ ತಿಳುವಳಿಕಿ ಸವದು ಹೋಗೂ ಬ್ಯಾನಿ.”

“ಮದ್ದು?” ಎಂದ ರೇವಣಪ್ಪ.

“ಇಲ್ರಿ. ಇನ್ನೂ ಹೆಚ್ಚೇ ಆಗ್ತದ. ಜ್ವಾಕಿಲೆ ನೋಡಿಕೊಳ್ಳೂದು ಒಂದೇ ನಮ್ಮ ಕೈಯಾಗ ಇರೂದು.”

“ಮತ್ತ ಆಗಲೇ ಕರಕೊಂಡ ಬಂದಿದ್ರ?”

ಅಂಜನಾಬಾಯಿ ಸುಳ್ಳು ಹೇಳಲಿಲ್ಲ. “ಈ ಬ್ಯಾನಿ ಹೋಗ್ತಿರಲಿಲ್ಲ. ಗಂಟಲ ಸುಡ್ತಿರಲಿಲ್ಲ.”

ರೇವಣಪ್ಪ ಹಾಸಿಗೆಯ ಬಳಿ ಹೋಗಿ ಅಣ್ಣನ ಕೈ ಹಿಡಿಯಲು ಬಗ್ಗಿದ. ಮನ್ಮಥಪ್ಪ ಎರಡೂ ಕೈಗಳನ್ನು ಸರ್ರನೆ ಹಿಂದಕ್ಕೆ ಎಳೆದುಕೊಂಡು ಗೋಡೆಗೆ ಒತ್ತಿ ಕುಳಿತ. ರೇವಣಪ್ಪ ಹೊರಗೆ ಹೋಗಿ ಬೇವಿನ ಗಿಡದ ಕೆಳಗೆ ಕುಕ್ಕರಿಸಿ ಕುಳಿತು ಅತ್ತ. ಅವನನ್ನು ಸಮಾಧಾನ ಮಾಡಲು ರಂಭಾಬಾಯಿಗೆ ಮನಸ್ಸಾಗಲಿಲ್ಲ.

ಊರಿಗೆ ಬಂದ ಮೇಲೆ ರೇವಣಪ್ಪನೇ ಮನೆಯನ್ನು ಬದಲಿಸಿದ. ಅಪಾಯದ ವಸ್ತುಗಳನ್ನೆಲ್ಲ ಒಂದು ಕೋಣೆಯಲ್ಲಿ ಹಾಕಿ ಬೀಗ ಜಡಿದ. ಅಣ್ಣನಿಗೆ ದಿನವೂ ಅದೇ ಜಾಗ, ಅದೇ ತಟ್ಟೆ, ಅದೇ ಹೊತ್ತು. “ಇದು ಏನು ಹೇಳು ನೋಡೋಣ” ಎಂದು ಕೇಳಿ ನಗಲು ಬಂದವರನ್ನು ಬಾಗಿಲಿನಿಂದಲೇ ಕಳಿಸಿದ. ಆದರೆ ತಾನು ತಟ್ಟೆ ತಂದರೆ ಅಣ್ಣ ಹೆದರುತ್ತಾನೆಂದು ಅದನ್ನು ದೂರದಲ್ಲಿಟ್ಟು ಸರಿಯುತ್ತಿದ್ದ.

ಮನ್ಮಥಪ್ಪ ಅಂಬಲಿಯ ಮೇಲೆಯೇ ಬದುಕಿದ. ಬರುಬರುತ್ತಾ ಮಾತು ನಿಂತಿತು. ದನಗಳು ಅಂಬಾ ಎಂದರೆ ಬೆಚ್ಚಿ ಬೀಳುತ್ತಿದ್ದ. ಒಮ್ಮೊಮ್ಮೆ ಅವನ ಬಾಯಿ ಒರೆಸುತ್ತಾ ರಂಭಾಬಾಯಿಗೆ ಅಳು ಬರುತ್ತಿತ್ತು. ಅವನು ಅವಳ ಕೆನ್ನೆಯ ಮೇಲಿನ ನೀರನ್ನು ಬೆರಳಿನಿಂದ ಮುಟ್ಟಿ ನೋಡುತ್ತಿದ್ದ. ಅದೇನೆಂದು ತಿಳಿಯದೆ ಬೆರಳನ್ನು ಧೋತರಕ್ಕೆ ಒರೆಸಿಕೊಳ್ಳುತ್ತಿದ್ದ. ಮರಾಠವಾಡಾ ಮುಂಬಯಿ ರಾಜ್ಯಕ್ಕೆ ಸೇರಿದ ಮೇಲಿನ ಚಳಿಗಾಲದಲ್ಲಿ ಅಂಬಲಿ ಎದೆಗೆ ಇಳಿದು ಕೆಮ್ಮು ಹತ್ತಿತು. ಅದರಲ್ಲೇ ಅವನು ತೀರಿಕೊಂಡ.

ಮುಂದಿನ ವರ್ಷ ಅದೇ ಓಣಿಯ ಅಮೃತಪ್ಪನ ತಾಯಿ ಮಾಣಿಕಮ್ಮ ಜ್ವರ ಬಂದು ಎದ್ದವಳು ಚಂಬನ್ನು ಚಪ್ಪಲಿ ಎನ್ನತೊಡಗಿದಳು. ಅಮೃತಪ್ಪ ಮಂತ್ರ ಹಾಕುವವನ ಬಳಿ ಹೊರಟಿದ್ದ. ರೇವಣಪ್ಪ ಗಾಡಿಗೆ ಅಡ್ಡ ನಿಂತ.

“ಅಲ್ಲಿಗಿ ಬ್ಯಾಡ. ಉದಗೀರಕ್ಕ ನಡಿ. ನಾನೂ ಬರ್ತೀನಿ.”

“ಮುದುಕಿ ಆಗ್ಯಾಳ ಕಾಕಾ, ಅದಕ್ಕ್ಯಾಕ ದವಾಖಾನಿ?”

“ನಾನೂ ಹಿಂಗೇ ಅಂದಿದ್ನಪ್ಪ,” ಎಂದ ರೇವಣಪ್ಪ. ಹಗ್ಗ ಹಿಡಿದು ಗಾಡಿಯನ್ನು ತಾನೇ ತಿರುಗಿಸಿದ.

ಓದುವವರೇ, ಕೇಳುವ ಅಕ್ಕ ತಂಗಿಯರೇ, ನಿಮ್ಮ ಮನೆಯ ಹಿರಿಯರು ದಿನಬಳಕೆಯ ವಸ್ತುವನ್ನು ಕೈಯಲ್ಲಿ ಹಿಡಿದು ಇದೇನು ಎಂದು ಕೇಳಿದರೆ ನಗಬೇಡಿ, ಗದರಬೇಡಿ. ನಿನ್ನೆಯದು ನೆನಪಿದೆಯಲ್ಲ, ಇದು ನಾಟಕ ಎಂದು ತೀರ್ಮಾನಿಸಬೇಡಿ. ಹೊಡೆಸುವುದಂತೂ ಬೇಡವೇ ಬೇಡ. ಹೊಡೆತ ಅವರಿಗೆ ನೆನಪಿರುತ್ತದೆ. ಡಾಕ್ಟರರಿಗೆ ತೋರಿಸಿ. ಕೆಲವು ಕಾರಣಗಳಿಗೆ ಚಿಕಿತ್ಸೆ ಇದೆ. ಮನ್ಮಥಪ್ಪನಿಗೆ ಬಂದಂಥ ಬೇನೆಯನ್ನು ವಾಸಿ ಮಾಡುವ ಮದ್ದು ಇವತ್ತಿಗೂ ಇಲ್ಲ. ಆದರೂ ಸುಣ್ಣ, ಸೀಮೆಎಣ್ಣೆ, ಹೊಲಕ್ಕೆ ಹೊಡೆಯುವ ಔಷಧ ಅವರ ಕೈಗೆ ಸಿಗದಂತೆ ಇಡುವುದು ನಿಮ್ಮಿಂದ ಆಗುತ್ತದೆ. ಹಬ್ಬ ಕಳೆಯಲಿ, ರಾಶಿ ಮುಗಿಯಲಿ ಎಂದು ಕಾಯಬೇಡಿ. ಇವತ್ತೇ ಎದ್ದು ಒಮ್ಮೆ ನಿಮ್ಮ ಅಂಗಳವನ್ನು ನೋಡಿ ಬನ್ನಿ.